ಭಾವಮೈದುನನ ಅಳತೆ

ನಮ್ಮ ಬೀದಿಯ ಟೈಲರಿಗೆ ಕೊರಳಲ್ಲಿ ನೇತಾಡುವ ಟೇಪು ಬರೀ ಅಲಂಕಾರಕ್ಕೆ. ಗಿರಾಕಿ ಹೊಸಿಲು ದಾಟುವಷ್ಟರಲ್ಲಿ ಭುಜ, ಎದೆ, ತೋಳಿನ ಅಳತೆ ಅವನ ತಲೆಯಲ್ಲಿ ಕೂತುಬಿಡುತ್ತಿತ್ತು. "ಒಂದ್ಸಲ ನೋಡಿದೀನಲ್ಲ, ಇನ್ನು ನೀವು ಬರೋದೇ ಬೇಡ. ಬಟ್ಟೆ ಕಳಿಸಿ ಸಾಕು" ಎಂದು ಜಂಬ ಕೊಚ್ಚುತ್ತಿದ್ದ. ಜಂಬಕ್ಕೆ ತಕ್ಕ ಹೊಲಿಗೆಯೂ ಇತ್ತೆನ್ನಿ.

ಅಂಗಡಿಯ ಹಿಂದೆಯೇ ಮನೆ, ಗೋಡೆಯಾಚೆ ಹೆಂಡತಿಯ ತಮ್ಮನ ಮನೆ. ಆ ತಮ್ಮನ ತಾರಸಿಯ ಮೇಲೆ ಮೊಬೈಲ್ ಟವರ್ ಎದ್ದ ಮರುವರ್ಷ ಟೈಲರನ ಹೆಂಡತಿ ಸವೆಯತೊಡಗಿದಳು. ಅದು ಮೊದಲು ಗೊತ್ತಾದದ್ದು ಡಾಕ್ಟರಿಗಲ್ಲ, ಗಂಡನಿಗೆ. ಅವಳ ಬಟ್ಟೆಯನ್ನು ಬಿಗಿ ಮಾಡಿ ಹೊಲಿದುಕೊಟ್ಟು ತಿಂಗಳಾಗಿರಲಿಲ್ಲ, ಮತ್ತೆ ಬಿಗಿ ಮಾಡಬೇಕಾಯಿತು. ಆಸ್ಪತ್ರೆಯಲ್ಲಿ ಕ್ಯಾನ್ಸರ್ ಎಂದರು. ಟವರಿನಿಂದ ಬಂತೇ ಎಂದು ಕೇಳಿದ್ದಕ್ಕೆ, ಹಾಗೆ ಹೇಳಲು ಬರುವುದಿಲ್ಲ ಎಂದರು.

ಹಾಗೆ ಹೇಳಬಲ್ಲವರು ಬೀದಿಯಲ್ಲಿ ಬೇಕಾದಷ್ಟಿದ್ದರು. ಜನ ವಾಸವಿರುವ ಕಡೆ ಟವರ್ ಯಾಕೆ, ಸಾರ್ವಜನಿಕ ಹಿತಾಸಕ್ತಿ ಅರ್ಜಿ ಹಾಕೋಣ ಎಂದು ಸಭೆ ಸೇರಿದರು, ವಕೀಲರನ್ನೂ ಹಿಡಿದರು. ಬೆಕ್ಕಿಗೆ ಗಂಟೆ ಕಟ್ಟುವವರು ಯಾರು ಎಂಬಲ್ಲಿಗೆ ಬಂದಾಗ ಎಲ್ಲರ ಕಣ್ಣೂ ಟೈಲರನ ಮೇಲೆ. ಹೆಂಡತಿಯ ಸಂಕಟ ನೋಡಿ ಒಳಗೇ ಉರಿಯುತ್ತಿದ್ದ ಮನುಷ್ಯ ಅರ್ಜಿಗೆ ಸಹಿ ಹಾಕಿಬಿಟ್ಟ. ನೋಟಿಸು ತಲುಪಿದ ಮೇಲೆ ಭಾವಮೈದುನ ಈ ಮನೆಯ ಮೆಟ್ಟಿಲು ತುಳಿಯಲಿಲ್ಲ.

"ಎತ್ತಿಗೆ ಜ್ವರ ಬಂದ್ರೆ ಎಮ್ಮೆಗೆ ಬರೆ ಹಾಕಿದ್ರಲ್ರೀ" ಎಂದಳು ಹೆಂಡತಿ. "ಟವರ್ ಇದ್ರೆ ಇರ್ಲಿ, ಹೋದ್ರೆ ಹೋಗ್ಲಿ. ನಾನು ಹೋಗೋದ್ರೊಳಗೆ ಅವನು ಒಂದ್ಸಲ ಬಂದು ಪಕ್ಕದಲ್ಲಿ ಕೂತ್ಕೊಳ್ಲಿ. ನಾನು ಎತ್ತಿ ಆಡಿಸಿದ ಕೂಸು ಅದು."

ಟೈಲರ್ ವಕೀಲರ ಹತ್ತಿರ ಓಡಿದ. "ಕೇಸು ವಾಪಸ್ ತಗೋತೀನಿ ಸಾರ್."

"ಹಾಕೋದು ನಿಮ್ಮ ಕೈಲಿತ್ತು, ತೆಗೆಯೋದು ನಿಮ್ಮ ಕೈಲಿಲ್ಲ" ಎಂದರು ವಕೀಲರು. "ಇದು ನಿಮ್ಮನೆ ಜಗಳ ಅಲ್ವಲ್ಲ. ಕೋರ್ಟು ಒಪ್ಪಬೇಕು."

ಕೋರ್ಟು ಒಪ್ಪಲಿಲ್ಲ. ಅರ್ಜಿದಾರ ಬೇಡವೆಂದರೂ ಬೀದಿಯ ಜನರ ಪ್ರಶ್ನೆ ಉಳಿದೇ ಇದೆ ಎಂದು ವಿಚಾರಣೆ ಮುಂದುವರಿಸಿತು. ಅದು ನ್ಯಾಯವೇ ಇರಬಹುದು. ಆದರೆ ಗೋಡೆಯಾಚೆ ಹೋಗಿ ಕರೆಯಲು ಟೈಲರಿಗೆ ಮುಖವಿಲ್ಲದಾಯಿತು.

ಒಂದು ಮಧ್ಯಾಹ್ನ ಹೆಂಡತಿ ಬೀರುವಿನಿಂದ ನೀಲಿ ಬಟ್ಟೆ ತೆಗೆಸಿದಳು. "ಇದ್ರಲ್ಲಿ ನನ್ನ ತಮ್ಮಂಗೆ ಒಂದು ಅಂಗಿ ಹೊಲೀರಿ. ಅಳತೆ ಕೊಡೋಕೆ ಬಾ ಅಂತ ಹೇಳಿಕಳಿಸಿ."

ಎಷ್ಟೋ ದಿನಗಳ ಮೇಲೆ ಟೈಲರ್ ನಕ್ಕ. "ಅವನ ಅಳತೆನಾ? ಚಡ್ಡಿ ಹಾಕ್ತಿದ್ದಾಗಿಂದ ಹೊಲಿದಿದೀನಿ ಕಣೇ, ಬಾಯಿಪಾಠ ಆಗಿದೆ."

ಅವಳು ಏನೋ ಹೇಳಲು ಬಾಯಿ ತೆರೆದಳು. ಅವನಾಗಲೇ ಬಟ್ಟೆ ಹಾಸಿ, ಗುರುತು ಹಾಕುತ್ತ ಶಿಳ್ಳೆ ಹೊಡೆಯುತ್ತಿದ್ದ. ಆ ಶಿಳ್ಳೆ ಕೇಳದೆ ಬಹಳ ದಿನವಾಗಿತ್ತು. ಅವಳು ಸುಮ್ಮನಾದಳು. ಅಂಗಿಗೆ ಗುಂಡಿ ಹಾಕುವ ಹೊತ್ತಿಗೆ ಅವಳ ಮಾತು ನಿಂತಿತ್ತು. ಆ ವಾರ ದಾಟಲಿಲ್ಲ.

ತಮ್ಮ ಬಂದ. ಅಕ್ಕನ ಕಾಲ ಬಳಿ ಕುಸಿದು ಕೂತು ಗೋಳೋ ಎಂದು ಅತ್ತ. ಎಲ್ಲ ಮುಗಿದ ಮೇಲೆ ಟೈಲರ್ ಅಂಗಿ ತಂದು ಅವನ ಕೈಗಿಟ್ಟ.

"ನಿಮ್ಮಕ್ಕ ಹೊಲಿಸಿದ್ದು."

"ಭಾವ, ಕೋರ್ಟಿಗೆ ಎಳೆದ ಮನೆಗೆ ಕರೀದೆ ಹೆಂಗೆ ಬರ್ಲಿ? ಒಂದು ಮಾತು ಹೇಳಿಕಳಿಸಿದ್ರೆ ಓಡಿ ಬರ್ತಿದ್ನಲ್ಲ. ಅಳತೆಗಾದ್ರೂ ಕರೀಬಾರ್ದಿತ್ತಾ?"

ಆಗ ಟೈಲರಿಗೆ ಅರ್ಥವಾಯಿತು. ಅವಳು ಕೇಳಿದ್ದು ಅಂಗಿಯನ್ನಲ್ಲ. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು. ತಮ್ಮ ಅಳುತ್ತಲೇ ಅಂಗಿ ತೊಟ್ಟುಕೊಂಡ. ಕೊರಳು, ತೋಳು, ಭುಜ ಎಲ್ಲೂ ಒಂದೆಳೆ ತಪ್ಪಿರಲಿಲ್ಲ.

ಟವರ್ ಆಮೇಲೆ ಕೋರ್ಟಿನ ಆದೇಶದಂತೆ ಇಳಿಯಿತು. ಬೀದಿಯವರು ಬಂದು ಟೈಲರನ ಕೈ ಕುಲುಕಿದರು. ಅವನು ಹೋಗಿ ಮಷಿನಿನ ಮುಂದೆ ಕೂತ. ಈಗ ಹಳೇ ಗಿರಾಕಿಗಳು ಯಾರ ಕೈಲಾದರೂ ಬಟ್ಟೆ ಕಳಿಸಿದರೆ ಅವನು ಹೊಲಿಯುವುದಿಲ್ಲ, ಹಾಗೆಯೇ ವಾಪಸ್ ಕಳಿಸುತ್ತಾನೆ.

"ಅಳತೆ ಮರೆತುಹೋಗಿದೆ" ಎನ್ನುತ್ತಾನೆ. "ಅವರನ್ನೇ ಒಂದ್ಸಲ ಬರೋಕೆ ಹೇಳಿ."