ಹನ್ನೊಂದು ಹುಣಸೆಬೀಜ

ಈಗ ಹೇಳಹೊರಟಿರುವುದು ಹೀಗೆಯೇ ನಡೆಯಿತು ಎಂದು ಆಣೆ ಮಾಡಿ ಹೇಳಲಾರೆ. ಹತ್ತಿರ ಹತ್ತಿರ ಐವತ್ತು ವರ್ಷ ಹಿಂದಿನ ಮಾತು. ಯಾರ ನೆನಪನ್ನೂ ಸಾಕ್ಷಿಯೆಂದು ಸುಲಭಕ್ಕೆ ಒಪ್ಪಬಾರದು ಎನ್ನುವುದು ವಿಶ್ವವಿದ್ಯಾಲಯದಲ್ಲಿ ನನಗೆ ಕಲಿಸಿದ ಮೊದಲ ಪಾಠ. ನನ್ನದೇ ನೆನಪು ಎಂದು ಅದಕ್ಕೆ ರಿಯಾಯಿತಿ ಕೊಡಲು ಕಾರಣ ಕಾಣುವುದಿಲ್ಲ. ಆದರೆ ಹೋದ ಬೇಸಿಗೆಯಲ್ಲಿ ನ್ಯಾಮತಿಯ ಗೆಳೆಯನೊಬ್ಬನ ಹಿತ್ತಲಲ್ಲಿ ಕೂತಿದ್ದಾಗ ಪಕ್ಕದ ಮನೆಯಲ್ಲಿ ಯಾರೋ ಹುಣಸೆಬೀಜ ಹುರಿಯುತ್ತಿದ್ದರು. ಆ ವಾಸನೆ ಮೊದಲು ಗೋಣಿಚೀಲ ಸುಟ್ಟಂತೆ ಬರುತ್ತದೆ, ಆಮೇಲೆ ಶೇಂಗಾದ ಹಾಗೆ, ಕೊನೆಗೆ ಯಾವುದರ ಹಾಗೂ ಅಲ್ಲದೆ ತನ್ನದೇ ಒಂದು ಕಮಟು ಸಿಹಿಯಾಗಿ ಮೂಗಿನಲ್ಲಿ ನಿಲ್ಲುತ್ತದೆ. ಗೆಳೆಯ ಏನೋ ಹೇಳುತ್ತಲೇ ಇದ್ದ. ನಾನು ಹೊನ್ನಾಳಿಯ ನಮ್ಮ ಅಡುಗೆಮನೆಯಲ್ಲಿದ್ದೆ. ಹತ್ತು ವರ್ಷದವನಾಗಿ ಒಲೆಯ ಪಕ್ಕ ಮಂಡಿಯೂರಿ ಕೂತು, ತಗಡಿನ ಡಬ್ಬಿಯೊಂದರ ಸೀಳಿನೊಳಕ್ಕೆ ಅವ್ವನ ಹೇರ್‌ಪಿನ್ನು ತೂರಿಸಿ, ಒಂದೊಂದೇ ಹುಣಸೆಬೀಜ ಹೊರಗೆಳೆಯುತ್ತಿದ್ದೆ. ಈ ಚಿತ್ರ ನನ್ನಲ್ಲಿ ಎಷ್ಟು ಸ್ಪಷ್ಟವಾಗಿದೆಯೆಂದರೆ, ಆ ಸ್ಪಷ್ಟತೆಯ ಕಾರಣಕ್ಕೇ ನನಗೆ ಅದರ ಮೇಲೆ ಅನುಮಾನ.

ಡಬ್ಬಿ ಗಿರಿಜತ್ತೆಯದು. ಗಿರಿಜತ್ತೆ ಅಪ್ಪನ ಅಕ್ಕ. ಮೈಸೂರಿನಲ್ಲಿ ಅರ್ಥಶಾಸ್ತ್ರದ ಎಂ.ಎ. ಮಾಡಿದವಳು, ಮದುವೆ ಬೇಡವೆಂದವಳು. ಕೆಲವು ವರ್ಷ ಚನ್ನಗಿರಿಯಲ್ಲಿ ಪಾಠ ಹೇಳಿ, ಎಪ್ಪತ್ತರ ದಶಕದ ನಡುವೆ ಯಾವಾಗಲೋ ಅದನ್ನು ಬಿಟ್ಟು, ಎರಡು ಟ್ರಂಕು ಪುಸ್ತಕದ ಜೊತೆ ನಮ್ಮ ಮನೆಗೆ ಬಂದಿಳಿದಳು. ನದಿಯಿಂದ ಎರಡು ಬೀದಿ ಈಚೆಗಿದ್ದ ಹಂಚಿನ ಮನೆ. ಬೇಸಿಗೆಯ ಗಾಳಿಗೆ ಹೊಳೆಯ ಮರಳು ಪಡಸಾಲೆಯವರೆಗೂ ಬಂದು ಕಾಲಿಗೆ ಹತ್ತುತ್ತಿತ್ತು, ಅವ್ವ ದಿನಕ್ಕೆ ಎರಡು ಸಲ ಗುಡಿಸಿದರೂ ಹತ್ತುತ್ತಿತ್ತು. ಮಾಳಿಗೆಯ ಕೋಣೆ ಅತ್ತೆಯದಾಯಿತು. ಅಲ್ಲಿ ಶಾಯಿಯ ವಾಸನೆ, ಹುಳ ಬೀಳದಿರಲೆಂದು ಪುಸ್ತಕಗಳ ನಡುವೆ ಇಟ್ಟ ಬೇವಿನೆಲೆಯ ವಾಸನೆ. ಅತ್ತೆಗೆ ಉಪ್ಪಿನ ಜಾಡಿ ಎಲ್ಲಿದೆಯೆಂದು ಕೊನೆಯವರೆಗೂ ಗೊತ್ತಾಗಲಿಲ್ಲ. ಹೊತ್ತುಹೊತ್ತಿಗೆ ಕಾಫಿ ಮೇಲೆ ಹೋಗುತ್ತಿತ್ತು, ಲೋಟ ಕೆಳಗೆ ಬರುತ್ತಿತ್ತು. ಅವೆರಡೂ ಅವ್ವನ ಕಾಲ ಮೇಲೆಯೇ ನಡೆಯುತ್ತಿದ್ದವು ಎನ್ನುವುದು ನನಗಂತೂ ಆಗ ಹೊಳೆದಿರಲಿಲ್ಲ.

ಅತ್ತೆ ಓದುವ ಕಾಲಕ್ಕೆ ಅವಳ ವಿಷಯವೇ ಹೊಸದು. ಬಡ ದೇಶಗಳು ಯಾಕೆ ಬಡವಾಗಿವೆ, ಅವು ಮೇಲೇಳುವುದು ಹೇಗೆ ಎಂದು ದೊಡ್ಡ ದೊಡ್ಡ ಪಂಡಿತರು ಆಗಷ್ಟೇ ಕೇಳತೊಡಗಿದ್ದರು. ಮುಂದೆ ಅದಕ್ಕೆ ಅಭಿವೃದ್ಧಿ ಅರ್ಥಶಾಸ್ತ್ರ ಎಂಬ ಹೆಸರು ನಿಂತಿತು. ಅದರಲ್ಲಿನ ಒಂದು ಮಾತು ಅತ್ತೆಯನ್ನು ಹಲ್ಲಿನಲ್ಲಿ ಸಿಕ್ಕಿದ ನಾರಿನಂತೆ ಕಾಡುತ್ತಿತ್ತು. ಹಳ್ಳಿಗಳಲ್ಲಿ ಕೆಲಸಕ್ಕಿಂತ ಕೈಗಳು ಹೆಚ್ಚು, ಕೆಲವರನ್ನು ಎಬ್ಬಿಸಿಕೊಂಡು ಹೋಗಿ ಕಾರ್ಖಾನೆಗೆ ಹಾಕಿದರೂ ಬೆಳೆಯಲ್ಲಿ ಒಂದು ಕಾಳೂ ಕಮ್ಮಿಯಾಗದು ಎನ್ನುವ ಮಾತು. ಒಮ್ಮೆ ಅವ್ವ ರಾಗಿ ಹಿಟ್ಟು ಜರಡಿ ಹಿಡಿಯುತ್ತಿದ್ದಾಗ ಅತ್ತೆ ಪಕ್ಕದಲ್ಲಿ ಕಾಲು ಚಾಚಿ ಕೂತು, ಆ ಹಿಟ್ಟಿನ ಮೇಲೆ ಬೆರಳಿನಿಂದ ಹತ್ತು ಗೆರೆ ಎಳೆದಳು. “ಹತ್ತು ಮಂದಿ ಹೊಲದಾಗೆ ಅದಾರೆ ಅನ್ಕೋ. ಇಬ್ಬರನ್ನ ಎಬ್ಬಿಸಿ ಕಳಿಸಿದ್ರೂ ಬೆಳೆ ಅಷ್ಟೇ ಬರ್ತೈತೆ ಅಂತಾರೆ. ಯಾರು ಆ ಇಬ್ಬರು? ನಾನು ಅವರ ಮುಖ ನೋಡ್ಬೇಕು.” ಅವ್ವ ಗೆರೆಗಳನ್ನು ಅಳಿಸಿ ಮತ್ತೆ ಜರಡಿ ಆಡಿಸುತ್ತ, “ಮುಖ ಆಮೇಲೆ ನೋಡೀರಂತೆ ಅಕ್ಕಾ, ಸ್ವಲ್ಪ ಕಾಲು ತೆಗೀರಿ,” ಅಂದಳು.

ಆ ಇಬ್ಬರನ್ನು ಹುಡುಕಲು ಅತ್ತೆ ಆರಿಸಿಕೊಂಡದ್ದು ಜಗಳೂರು ತಾಲ್ಲೂಕಿನ ಸೊಕ್ಕೆ. ಮಳೆ ನಂಬಿದ ಊರು, ಬಿತ್ತನೆಗೆ ಮುಂಚಿನ ತಿಂಗಳುಗಳಲ್ಲಿ ಅಲ್ಲಿನ ಹೆಂಗಸರಿಗೆ ಏನೂ ಕೆಲಸವಿರುವುದಿಲ್ಲ ಎಂದು ಅವಳಿಗೆ ಯಾರೋ ಹೇಳಿದ್ದರು. ಗಡಿಯಾರವಿಲ್ಲದ, ಅಕ್ಷರ ಬಾರದ ಹೆಂಗಸರ ದಿನವನ್ನು ಲೆಕ್ಕ ಹಿಡಿಯುವುದು ಹೇಗೆ? ಅತ್ತೆ ಒಂದು ಉಪಾಯ ಮಾಡಿದಳು. ಮನೆಗೊಂದು ಡಬ್ಬಿ, ಜೊತೆಗೊಂದಿಷ್ಟು ಹುಣಸೆಬೀಜ. ಒಂದು ಕೆಲಸ ಮುಗಿದರೆ ಒಂದು ಬೀಜ ಒಳಗೆ. ಬೀಜಕ್ಕೇನೂ ಬರವಿರಲಿಲ್ಲ. ಆ ವರ್ಷದ ಹುಣಸೆಹಣ್ಣನ್ನೆಲ್ಲ ಅವ್ವ ವಾರಗಟ್ಟಲೆ ಕೂತು ಬಿಡಿಸಿ, ಬೀಜ ಬೇರೆ ಮಾಡಿ, ಅತ್ತೆ ಕೇಳಿದ್ದಕ್ಕೆ ಅವನ್ನು ತೊಳೆದು ಒಣಗಿಸಿಯೂ ಕೊಟ್ಟಿದ್ದಳು. ಡಬ್ಬಿಗಳನ್ನು ಮಾಡಿದವನು ನಮ್ಮ ಬೀದಿಯ ಕೊನೆಯಲ್ಲಿ ತಗಡಿನ ಕೆಲಸದ ಅಂಗಡಿ ಇಟ್ಟಿದ್ದ ದಾದಾಪೀರ್ ಸಾಬ. ಮುಚ್ಚಳಕ್ಕೆ ಪುಟ್ಟ ಬೀಗ, ಬೀಗದ ಕೈ ಅತ್ತೆಯ ಕೊರಳ ದಾರದಲ್ಲಿ. ಮೇಲೆ ಬೀಜ ಹಾಕಲು ಒಂದು ಸೀಳು, ಸೀಳಿನ ಅಂಚನ್ನು ಒಳಮುಖವಾಗಿ ಮಡಚಿದ್ದ. “ಏನ್ ಮೇಡಮ್ಮಾರೆ, ಹುಣಸೆಬೀಜಕ್ಕೂ ಬ್ಯಾಂಕ್ ತೆಗೀತೀರೇನು?” ಎಂದು ನಕ್ಕವನು, ಮಾಡಿ ಮುಗಿಸಿದ ಮೇಲೆ ಒಂದು ಡಬ್ಬಿಗೆ ಬೀಜ ಹಾಕಿ ತಲೆಕೆಳಗು ಹಿಡಿದು ಕುಲುಕಿ ತೋರಿಸಿದ. “ಹೋದದ್ದು ಹೋದಂಗೆ ನೋಡ್ರಿ. ಒಂದು ಬೀಜ ಹೊರಗೆ ಬಂದ್ರೆ ನನ್ನ ಮಜೂರಿ ವಾಪಸ್.”

ಬೇಸಿಗೆ ರಜೆಯಾದ್ದರಿಂದ ನನ್ನನ್ನೂ ಅತ್ತೆ ಸೊಕ್ಕೆಗೆ ಕರೆದುಕೊಂಡು ಹೋದಳು. ದಾವಣಗೆರೆಯಲ್ಲಿ ಬಸ್ಸು ಬದಲಿಸಿ ಜಗಳೂರು, ಅಲ್ಲಿಂದ ಇನ್ನೊಂದು ಬಸ್ಸು. ದಾರಿಯುದ್ದಕ್ಕೂ ನಮ್ಮ ಕಡೆಯ ಹಸಿರು ಹಿಂದೆ ಹಿಂದೆ ಸರಿದು, ಬರೀ ಕೆಂಪು ನೆಲ, ಬೆಳಕು. ಮೊದಲ ಸಲ ಡಬ್ಬಿ ಹಂಚಿ ಬಂದೆವು, ವಾರದ ಮೇಲೆ ಮತ್ತೆ ಹೋದೆವು. ಹನುಮವ್ವ ಎಂಬುವಳ ಜಗಲಿಯ ಮೇಲೆ ಅತ್ತೆ ಒಂದೊಂದಾಗಿ ಬೀಗ ತೆಗೆದಳು. ಒಂದರಲ್ಲಿ ಮೂರು ಬೀಜ, ಒಂದರಲ್ಲಿ ಏನೂ ಇಲ್ಲ, ಹನುಮವ್ವನದರಲ್ಲಿ ಎರಡು. “ಎರಡು ದಿನ ಕೂಲಿ ಸಿಕ್ತು, ಎರಡು ಬೀಜ ಹಾಕೀನಿ. ಸುಳ್ಳು ಹಾಕಾಕೆ ಆಗ್ತೈತೇನ್ರಿ?” ಅಂದಳು ಹನುಮವ್ವ. ಹಾಗೆನ್ನುವಾಗ ಅವಳು ಬೀಸುಕಲ್ಲಿನ ಮುಂದೆ ಕೂತು ಜೋಳ ಬೀಸುತ್ತಿದ್ದಳು, ಮಡಿಲಲ್ಲಿ ಮೊಮ್ಮಗು ಮಲಗಿತ್ತು, ಬಾಗಿಲ ಬಳಿ ದೂರದ ಬಾವಿಯಿಂದ ಆಗಷ್ಟೇ ತಂದ ಕೊಡಗಳಿಂದ ನೀರು ತುಳುಕಿ ನೆಲ ಒದ್ದೆಯಾಗಿತ್ತು. “ಉಳಿದ ದಿನ ಏನು ಮಾಡ್ದೆ?” ಎಂದು ಅತ್ತೆ ಕೇಳಿದಳು. “ಏನು ಮಾಡೋದು, ಮನ್ಯಾಗೇ ಇದ್ದೆ. ಖಾಲಿ.” ಅತ್ತೆ ಬಹಳ ಹೊತ್ತು ಆ ಬೀಸುಕಲ್ಲನ್ನೇ ನೋಡಿದಳು. ಆಮೇಲೆ, ನೀರಿಗೆ ಹೋದರೆ ಒಂದು, ಬೀಸಿದರೆ ಒಂದು, ಕೂಸಿಗೆ ಎರೆದರೆ ಒಂದು ಎಂದು ವಿವರಿಸತೊಡಗಿದಳು. ಹನುಮವ್ವ ಕಲ್ಲು ನಿಲ್ಲಿಸಿಬಿಟ್ಟಳು. “ಅದೂ ಕೆಲಸಾನೇನ್ರಿ? ಹಂಗಾದ್ರೆ ಉಸಿರಾಡಿದ್ದಕ್ಕೂ ಒಂದು ಹಾಕ್ಲಾ?” ಜಗಲಿ ತುಂಬ ನಗು. ಆದರೆ ಇನ್ನೊಂದು ವಾರ ಕಳೆದು ಹೋದಾಗ ಹನುಮವ್ವನ ಡಬ್ಬಿ ಬಾಯಿವರೆಗೆ ತುಂಬಿ, ಹಾಕಲು ಜಾಗ ಸಾಲದೆ ಉಳಿದ ಬೀಜಗಳನ್ನು ಅವಳು ಬಟ್ಟೆಯಲ್ಲಿ ಗಂಟು ಕಟ್ಟಿ ಇಟ್ಟಿದ್ದಳು.

ಊರಿಗೆ ಬಂದ ದಿನ ಮಧ್ಯಾಹ್ನದ ಊಟದಲ್ಲಿ ಅತ್ತೆಯ ಸಂಭ್ರಮ ಹೇಳತೀರದು. “ಮನ್ಯಾಗೇ ಇದ್ದೆ, ಖಾಲಿ” ಎಂದು ಹನುಮವ್ವನ ದನಿಯಲ್ಲೇ ಆಡಿ ತೋರಿಸಿದಳು, ಅಪ್ಪ ನಕ್ಕ. ಅವ್ವ ಬಿಸಿ ರೊಟ್ಟಿ ತಂದು ಅತ್ತೆಯ ತಟ್ಟೆಗೆ ಹಾಕಿ, ಅಲ್ಲೇ ನಿಂತು, “ಅಕ್ಕಾ, ನನಗೂ ಒಂದು ಡಬ್ಬಿ ಕೊಡ್ರಿ,” ಅಂದಳು. ಅವ್ವ ಯಾರ ಹತ್ತಿರವೂ ಏನನ್ನೂ ಕೇಳಿದ್ದು ನಾನು ಅದಕ್ಕೆ ಮೊದಲು ಕಂಡಿರಲಿಲ್ಲ. ಅತ್ತೆ ನಗುತ್ತಲೇ, “ನಿನಗ್ಯಾಕೆ ಶಾಂತಾ? ನೀನು ಮನ್ಯಾಗೇ ಇರ್ತೀಯಲ್ಲ,” ಅಂದುಬಿಟ್ಟಳು. ಅಪ್ಪನ ಕೈ ತಟ್ಟೆಯಲ್ಲೇ ನಿಂತಿತು. ಅತ್ತೆಯ ನಗು ಮುಖದ ಮೇಲೆ ಎಲ್ಲಿತ್ತೋ ಅಲ್ಲೇ ಉಳಿಯಿತು. ಎಂಜಲು ಕೈಯಲ್ಲೇ ಎದ್ದು ಮಾಳಿಗೆಗೆ ಹೋದಳು, ಎಡಗೈಯಲ್ಲಿ ಡಬ್ಬಿ ಹಿಡಿದು ಬಂದು ಒಲೆಯ ಪಕ್ಕ ಇಟ್ಟಳು. ಇದನ್ನು ಅಪ್ಪ ಮುಂದೆ ಒಪ್ಪುತ್ತಿರಲಿಲ್ಲ. ಅಂಥದ್ದೇನೂ ನಡೆಯಲೇ ಇಲ್ಲ, ಅಕ್ಕ ಆ ಮಾತು ಆಡುವವಳೇ ಅಲ್ಲ ಎನ್ನುತ್ತಿದ್ದ. ನಾನು ಕೇಳಿದ್ದೇನೆ. ಕೇಳಿದ್ದೇನೆ ಎಂದುಕೊಂಡಿದ್ದೇನೆ.

ಒಂದು ವಾರದ ಲೆಕ್ಕ. ದಿನಾ ಬೆಳಿಗ್ಗೆ ಅತ್ತೆ ಒಂದು ಬೊಗಸೆ ಬೀಜ ಕೊಡುತ್ತಿದ್ದಳು, ಅವ್ವ ಅದನ್ನು ಸೆರಗಿನ ತುದಿಗೆ ಗಂಟು ಹಾಕಿಕೊಳ್ಳುತ್ತಿದ್ದಳು. ಮೊದಲ ಬೆಳಿಗ್ಗೆ ಅಂಗಳ ಸಾರಿಸಿ ಬಂದು ಗಂಟು ಬಿಚ್ಚಿ ಒಂದು ಬೀಜ ಹಾಕಿದಾಗ ತಗಡಿನೊಳಗೆ ಟಿಣ್ ಎಂದದ್ದು, ಆ ಶಬ್ದಕ್ಕೆ ಅವ್ವ ಸಣ್ಣ ಹುಡುಗಿಯ ಹಾಗೆ ತಲೆಯೆತ್ತಿ ನೋಡಿದ್ದು ನನಗೆ ನೆನಪಿದೆ. “ಒಗ್ಗರಣೆ ಹಾಕಿದ್ದಕ್ಕೂ ಒಂದಾ ಅಕ್ಕಾ?” ಎಂದು ಕೆಳಗಿನಿಂದ ಕೂಗುತ್ತಿದ್ದಳು. “ಬೇಳೆ ಬೇಯಿಸಿದ್ರಾಗೆ ಅದೂ ಬಂತು!” ಎಂದು ಮಾಳಿಗೆಯಿಂದ ಉತ್ತರ. “ಅದೆಂಗೆ? ಬೇಳೆ ಬೇಯ್ಸಾಕೆ ಬೆಂಕಿ ಸಾಕು, ಒಗ್ಗರಣೆಗೆ ನಾನೇ ಬೇಕು!” ಇಬ್ಬರೂ ಅಷ್ಟು ನಕ್ಕದ್ದು ಆ ವಾರದಲ್ಲೇ. ಆ ಬೇಸಿಗೆ ನನಗೋ ಹುರಿದ ಹುಣಸೆಬೀಜದ ಹುಚ್ಚು. ಕೆಂಡದ ಮೇಲೆ ಚಟಚಟ ಸಿಡಿದು, ಸಿಪ್ಪೆ ಬಿರಿದು, ನಾಲಗೆ ಸುಡುವಷ್ಟು ಬಿಸಿಯಿರುವಾಗಲೇ ಬಾಯಿಗೆ ಹಾಕಿಕೊಂಡು ಅರ್ಧ ದಿನ ಅಗಿಯುತ್ತಿದ್ದೆ. ಮನೆಯಲ್ಲಿದ್ದ ಬೀಜವೆಲ್ಲ ಅತ್ತೆಯ ಟ್ರಂಕಿಗೆ ಹೋಗಿತ್ತು. ಹಾಗಾಗಿ ಅವ್ವನ ಡಬ್ಬಿಯಿಂದ ಕದ್ದೆ. ನಾನು ಇಷ್ಟು ವರ್ಷ ನನಗೆ ಹೇಳಿಕೊಂಡು ಬಂದದ್ದು ಅದನ್ನೇ. ಹೇರ್‌ಪಿನ್ನಿನ ತುದಿ ಬೀಜಕ್ಕೆ ತಗುಲಿ ಜಾರಿದ ಕಿರಗುಟ್ಟುವಿಕೆ ಕೂಡ ಕೇಳಿಸುತ್ತದೆ.

ವಾರ ಮುಗಿದು ಅತ್ತೆ ಬೀಗ ತೆಗೆದು ಡಬ್ಬಿಯನ್ನು ಮೊರಕ್ಕೆ ಬಗ್ಗಿಸಿದಳು. ಹನ್ನೊಂದು ಬೀಜ. ಡಬ್ಬಿಯ ತಳ ತಟ್ಟಿದಳು. ಹನ್ನೊಂದೇ. “ಇದು ಸುಳ್ಳು ಶಾಂತಾ. ಮೂರು ಹೊತ್ತು ನಿನ್ನ ಕೈಯಡಿಗೆ ಉಂಡೋಳು ನಾನು,” ಅಂದಳು. ಅವ್ವ ಸೆರಗಿನಿಂದ ಮೊರದ ಅಂಚು ಒರೆಸುತ್ತ, “ಅಷ್ಟೇ ಇರ್ಬೇಕು ಬಿಡ್ರಿ ಅಕ್ಕಾ. ನಾನೇನು ಅಂಥಾ ಕೆಲಸ ಮಾಡ್ತೀನಿ,” ಅಂದಳು. ನಾನು ಬಾಗಿಲ ಚೌಕಟ್ಟು ಹಿಡಿದು ನಿಂತಿದ್ದೆ. ಬಾಯಿ ಬಿಡಬಹುದಿತ್ತು, ಬಿಡಲಿಲ್ಲ. ತನಗೆ ಬೇಡವಾದ ಲೆಕ್ಕ ಬಂತೆಂದು ಒಂದು ಡಬ್ಬಿಯನ್ನು ಎಣಿಕೆಯಿಂದ ಬಿಟ್ಟುಬಿಡುವುದು ಅತ್ತೆಯ ಪ್ರಕಾರ ಮೋಸ. ಲೆಕ್ಕದ ಪುಸ್ತಕದಲ್ಲಿ ಸೊಕ್ಕೆಯ ಹೆಂಗಸರ ಹೆಸರುಗಳ ಕೆಳಗೆ, ಕೊನೆಯ ಸಾಲಿನಲ್ಲಿ, ‘ಶಾಂತಮ್ಮ, ಹೊನ್ನಾಳಿ, ಹನ್ನೊಂದು’ ಎಂದು ಬರೆದಳು.

ಆ ಲೆಕ್ಕವನ್ನೆಲ್ಲ ಸೇರಿಸಿ ಬರೆದ ಬರಹವನ್ನು ಅತ್ತೆ ಎಲ್ಲೋ ದೊಡ್ಡ ಊರಿನ ಸಭೆಯೊಂದರಲ್ಲಿ ಓದಿದಳು. ಕೇಳಿದವರಲ್ಲಿ ಒಬ್ಬ ಹಿರಿಯರು ಬೇರೆ ಎಲ್ಲ ಸಾಲು ಬಿಟ್ಟು ಕೊನೆಯದಕ್ಕೆ ಬೆರಳಿಟ್ಟು, “ನೀವು ಹುಡುಕುತ್ತಿದ್ದ ಇಬ್ಬರಲ್ಲಿ ಒಬ್ಬರು ಇಲ್ಲೇ ಸಿಕ್ಕರಲ್ಲಮ್ಮ,” ಅಂದರಂತೆ. ಮನೆಗೆ ಬಂದು ಅತ್ತೆ ಅದನ್ನು ನಗುತ್ತ ಹೇಳಿದಳು, ಅವ್ವನೂ ನಕ್ಕಳು. ಬರಹ ಅಚ್ಚಾಗಲಿಲ್ಲ. ಎಂಬತ್ತರ ದಶಕದಲ್ಲಿ ನಾನು ಅದೇ ವಿಷಯವನ್ನು ಓದಲು ಹೋದಾಗ, ಮನೆಯ ಹೆಣ್ಣುಮಕ್ಕಳ ಎಣಿಕೆಗೆ ಸಿಗದ ದುಡಿಮೆಯ ಬಗ್ಗೆ ಪಾಠಗಳು ಆಗಲೇ ಬಂದಿದ್ದವು. ಬೇರೆಯವರ ಹೆಸರಿನಲ್ಲಿದ್ದವು, ಆ ಹೆಸರಿಗೆ ಅವರು ಅರ್ಹರೂ ಆಗಿದ್ದರು. ಅತ್ತೆಗೆ ಬರೆದು ತಿಳಿಸಬೇಕೆಂದುಕೊಂಡೆ. ನಾನು ಕಾಗದ ಬರೆಯುವ ಮೊದಲೇ ಅವಳು ಹೋದ ಸುದ್ದಿ ಬಂತು. ಕೆಲವು ವರ್ಷಕ್ಕೆ ಅವ್ವನೂ ಹೋದಳು. ಅವ್ವ ಬದುಕಿಡೀ ಮಾಡಿದ ಕೆಲಸದ ಬಗ್ಗೆ ಈ ಲೋಕದಲ್ಲಿ ಬರೆದಿಟ್ಟದ್ದು ಅದೊಂದೇ ಸಾಲು, ಅದೂ ನನ್ನ ಬಾಯಿಚಪಲಕ್ಕೆ ಸುಳ್ಳಾದ ಸಾಲು. ಇದನ್ನು ಹೊತ್ತುಕೊಂಡೇ ನಾನು ನಡುವಯಸ್ಸು ದಾಟಿದೆ. ಮನೆ ಮಾರಿಹೋಯಿತು. ಅತ್ತೆಯ ಒಂದು ಟ್ರಂಕು ಮಾತ್ರ ನನ್ನ ಜೊತೆ ಊರೂರು ಸುತ್ತಿತು.

ನ್ಯಾಮತಿಯಿಂದ ಬಂದ ಮರುದಿನ ಆ ಟ್ರಂಕು ತೆಗೆದೆ. ಲೆಕ್ಕದ ಪುಸ್ತಕವಿತ್ತು, ಕೊನೆಯ ಸಾಲೂ ಇತ್ತು. ತಳದಲ್ಲಿ ಒಂದು ಡಬ್ಬಿ. ಅವ್ವನದೇ ಎನ್ನಲಾರೆ, ಆದರೆ ಎಲ್ಲ ಡಬ್ಬಿಯೂ ದಾದಾಪೀರ್ ಸಾಬನ ಒಂದೇ ಅಳತೆಯವು. ಅಂಗಡಿಯಿಂದ ಬೀಜ ತರಿಸಿ ಒಂದು ಹಿಡಿ ಒಳಗೆ ಹಾಕಿದೆ. ಟಿಣ್ ಎಂದಿತು. ಹೇರ್‌ಪಿನ್ನು ಹಿಡಿದು ಕೂತೆ. ಬೀಜ ತುದಿಗೆ ಸಿಗುತ್ತದೆ, ಸೀಳಿನವರೆಗೆ ಬರುತ್ತದೆ, ಒಳಕ್ಕೆ ಮಡಚಿದ ಅಂಚು ಅದನ್ನು ಅಡ್ಡ ತಿರುಗಿಸಿ ಕೆಳಗೆ ಬೀಳಿಸುತ್ತದೆ. ನನ್ನ ಬೆರಳು ದಪ್ಪ ಎಂದು ಎದುರು ಮನೆಯ ಹತ್ತು ವರ್ಷದ ಹುಡುಗಿಯನ್ನು ಕರೆದೆ. ನಾಲಗೆ ಕಚ್ಚಿಕೊಂಡು ಒಂದು ತಾಸು ಹೋರಾಡಿ, “ಅಂಕಲ್, ಇದು ಬರಾಕೆ ಮಾಡಿದ್ದೇ ಅಲ್ಲ ಬಿಡ್ರಿ,” ಎಂದು ಪಿನ್ನು ನನ್ನ ಕೈಗಿಟ್ಟು ಆಡಲು ಹೋದಳು.

ಆ ವಾರ ನಾನು ಹುಣಸೆಬೀಜ ತಿಂದದ್ದು ನಿಜವಾಗಿದ್ದರೆ, ಅವು ಡಬ್ಬಿಯೊಳಗೆ ಹೋಗಿ ಬಂದವಲ್ಲ. ಬೀಜವಿದ್ದ ಜಾಗ ಆ ಅಡುಗೆಮನೆಯಲ್ಲಿ ಇನ್ನೊಂದೇ ಇತ್ತು, ಅವ್ವನ ಸೆರಗಿನ ತುದಿ. ಅದರ ಗಂಟು ಬಿಚ್ಚುತ್ತಿದ್ದದ್ದು ಒಂದೇ ಕೈ. ಕೆಂಡದಿಂದ ತೆಗೆದ ಬಿಸಿ ಬೀಜವನ್ನು ಸೆರಗಿನಲ್ಲಿ ಹಿಡಿದು ಊದಿ ಊದಿ ನನ್ನ ಅಂಗೈಗೆ ಹಾಕುತ್ತಿದ್ದ ಕೈಯೊಂದು ಈಗ ನೆನಪಿಗೆ ಬರುತ್ತಿದೆ. ಆದರೆ ಅದು ಈಗ ಬರುತ್ತಿರುವುದರಿಂದ ನಾನು ಅದನ್ನು ನಂಬುವಂತಿಲ್ಲ. ಅತ್ತೆಯ ಮಾತು, ಅಪ್ಪನ ನಿಂತ ಕೈ, ಅವ್ವ ತಲೆಯೆತ್ತಿ ನೋಡಿದ್ದು, ಯಾವುದಕ್ಕೂ ನನ್ನಲ್ಲಿ ಪುರಾವೆಯಿಲ್ಲ. ಪರೀಕ್ಷೆ ಮಾಡಿ ಖಚಿತಪಡಿಸಿಕೊಂಡದ್ದು ಇಷ್ಟೇ: ಆ ಡಬ್ಬಿಗೆ ಒಮ್ಮೆ ಹಾಕಿದ ಬೀಜ ಸೀಳಿನಿಂದ ಹೊರಗೆ ಬರುವುದಿಲ್ಲ.