ಪ್ಯಾಂಕ್ರಿಯಾಟಿನ್ ಅಂದರೆ ಏನು

ಔಷಧದ ಹೆಸರನ್ನು ಬಿಡಿಸಿ ಹೇಳುವ ಚಟ ನನಗೆ ಹತ್ತಿದ್ದು ಗುಲಬರ್ಗಾದಲ್ಲಿ ಫಾರ್ಮಸಿ ಓದುವಾಗ. ತೊಂಬತ್ತರ ದಶಕದ ನಡುವೆ ಡಿಪ್ಲೊಮಾ ಮುಗಿಸಿ ಹುಮನಾಬಾದಿನ ಬಸ್ ನಿಲ್ದಾಣದ ಹತ್ತಿರ ಮೆಡಿಕಲ್ ಅಂಗಡಿ ತೆರೆದಾಗ ಆ ಚಟವನ್ನೂ ಜೊತೆಗೇ ತಂದೆ. ಸಕ್ಕರೆ ಕಾಯಿಲೆಯ ವ್ಯಾಪಾರಿಯೊಬ್ಬರು ಇನ್ಸುಲಿನ್ ಕೇಳಿದರೆ, ಅದು ಲ್ಯಾಟಿನ್ನಿನಲ್ಲಿ ನಡುಗಡ್ಡೆ ಎಂಬ ಮಾತಿನಿಂದ ಬಂದದ್ದು, ನಿಮ್ಮ ಹೊಟ್ಟೆಯೊಳಗೂ ಅಂಥ ಪುಟ್ಟ ನಡುಗಡ್ಡೆಗಳಿವೆ ಎಂದು ಹೇಳಿಯೇ ಬಾಟಲಿ ಕೊಡುತ್ತಿದ್ದೆ. ಪೆನಿಸಿಲಿನ್ನಿಗೆ ಆ ಹೆಸರು ಬಂದದ್ದು ಅದರ ಬೂಜು ಕುಂಚದಂತೆ ಕಾಣುವುದರಿಂದ ಎಂದು ಹೇಳದೆ ಯಾರನ್ನೂ ಕಳಿಸುತ್ತಿರಲಿಲ್ಲ. ಈ ಅಂಗಡಿ ಅಕ್ಕ ಗುಳಿಗಿ ಕೊಡೋದಕ್ಕಿಂತ ಮಾತು ಕೊಡೋದೇ ಜಾಸ್ತಿ ಎಂದು ಜನ ನಗುತ್ತಿದ್ದರು. ನನಗೇನೂ ಬೇಸರವಿರಲಿಲ್ಲ. ಹೊಟ್ಟೆಗೆ ಹೋಗುವುದರ ಹೆಸರು ಹೋಗುವ ಮೊದಲೇ ಗೊತ್ತಿರಬೇಕು ಎಂದು ಆಗಲೂ ನಂಬಿದ್ದೆ, ಈಗಲೂ ನಂಬಿದ್ದೇನೆ. ಇಷ್ಟು ಜಂಬದ ನಾನು ಒಂದೇ ಒಂದು ಹೆಸರನ್ನು ಅರ್ಧಕ್ಕೆ ಬಿಡಿಸಿ ಕೈತೊಳೆದುಕೊಂಡೆ.

ಆ ಹೆಸರಿನ ಚೀಟಿ ಹಿಡಿದು ಬಂದವರು ಬಸವಕಲ್ಯಾಣದ ಒಬ್ಬ ಅಜ್ಜಿ. ಹಣೆಯ ತುಂಬ ವಿಭೂತಿ, ಕೊರಳಲ್ಲಿ ಲಿಂಗದ ಬೆಳ್ಳಿ ಕರಡಿಗೆ, ಪಕ್ಕದಲ್ಲಿ ಐದು ವರ್ಷದ ಮೊಮ್ಮಗಳು. ಹುಡುಗಿಯ ಕೈಕಾಲು ಕಡ್ಡಿ, ಹೊಟ್ಟೆ ಮಾತ್ರ ಮುಂದೆ. ದಿನಕ್ಕೆ ನಾಲ್ಕು ಸಲ ಉಣ್ಣುತ್ತಾಳೆ, ಉಂಡದ್ದೆಲ್ಲ ಜಿಡ್ಡುಜಿಡ್ಡಾಗಿ ಹಾಗೇ ಹೊರಗೆ ಹೋಗುತ್ತದೆ ಎಂದು ಅಜ್ಜಿ ಸಂಕೋಚವಿಲ್ಲದೆ ಹೇಳಿದರು. ಬೇಸಿಗೆಯಲ್ಲಿ ಹುಡುಗಿಯ ಮೈಮೇಲೆ ಬೆವರು ಒಣಗಿ ಉಪ್ಪು ಬೆಳ್ಳಗೆ ಕೂರುತ್ತಿತ್ತಂತೆ. ಕೂಸಾಗಿದ್ದಾಗ ಮುದ್ದು ಕೊಟ್ಟರೆ ತುಟಿಗೆ ಉಪ್ಪು ಹತ್ತುತ್ತಿತ್ತು, ಅದನ್ನು ಮೊದಲು ಕಂಡದ್ದು ತಾನೇ ಎಂದರು. ನಾಲ್ಕು ಡಾಕ್ಟರರನ್ನು ಸುತ್ತಿ ಕೊನೆಗೆ ಹೈದರಾಬಾದಿನ ದೊಡ್ಡ ದವಾಖಾನೆಯಲ್ಲಿ ಬೆವರನ್ನೇ ಪರೀಕ್ಷೆ ಮಾಡಿ ರೋಗದ ಹೆಸರು ಹೇಳಿದ್ದರು. ಸಿಸ್ಟಿಕ್ ಫೈಬ್ರೋಸಿಸ್. ಮೈಯೊಳಗಿನ ಲೋಳೆಯೆಲ್ಲ ಗೋಂದಿನಂತೆ ಗಟ್ಟಿಯಾಗುವ ಹುಟ್ಟುರೋಗ. ಪುಪ್ಪುಸದಲ್ಲಿ ಅದು ಕೆಮ್ಮಾಗುತ್ತದೆ. ಹೊಟ್ಟೆಯಲ್ಲಿ ಜೀರ್ಣರಸದ ದಾರಿಯನ್ನು ಮುಚ್ಚಿಬಿಡುತ್ತದೆ. ವಾಸಿ ಮಾಡುವ ಔಷಧ ಆಗ ಇರಲಿಲ್ಲ. ಆದರೆ ಆ ರಸವನ್ನು ಹೊರಗಿನಿಂದ ಕೊಟ್ಟರೆ ಉಂಡದ್ದು ಮೈಗೆ ಹತ್ತಿ, ಕೆಮ್ಮಿನೊಂದಿಗೆ ಹೋರಾಡಲು ಹುಡುಗಿಗೆ ಒಂದಿಷ್ಟು ಬಲ ಬರುತ್ತಿತ್ತು. ಚೀಟಿಯಲ್ಲಿ ಬರೆದದ್ದು ಅದನ್ನೇ: ಪ್ಯಾಂಕ್ರಿಯಾಟಿನ್.

ಬಸವಕಲ್ಯಾಣದಲ್ಲಿ ಅದು ಸಿಗುತ್ತಿರಲಿಲ್ಲ. ಹುಮನಾಬಾದು ಹೈದರಾಬಾದಿನ ಬಸ್ಸುಗಳು ಹಾಯುವ ಊರಾದ್ದರಿಂದ ಡ್ರೈವರ್ ಕೈಯಲ್ಲಿ ಪಾರ್ಸೆಲ್ ತರಿಸುವುದು ನನಗೆ ಸುಲಭ. ತರಿಸಿಕೊಡುತ್ತೇನೆ ಎಂದೆ. ಅಜ್ಜಿಯನ್ನು ಆಗಲೇ ಆಯಿ ಎಂದು ಕರೆಯತೊಡಗಿದ್ದೆ. ನನ್ನ ಚಟದ ಸುದ್ದಿ ಅವರಿಗೂ ಮುಟ್ಟಿತ್ತೇನೋ, ಇದರ ಹೆಸರಿನ ಅರ್ಥವೇನು ಎಂದು ತಾವೇ ಕೇಳಿದರು.

ನನಗೆ ಚೆನ್ನಾಗಿ ಗೊತ್ತಿತ್ತು. ಪ್ಯಾನ್ ಅಂದರೆ ಗ್ರೀಕರ ಮಾತಿನಲ್ಲಿ ಎಲ್ಲ, ಕ್ರಿಯಾಸ್ ಅಂದರೆ ಮಾಂಸ. ಎಲುಬಿಲ್ಲದ, ಪೂರ್ತಿ ಮಾಂಸವೇ ಆದ ಅಂಗ ಎಂದು ಹಳೆಯ ವೈದ್ಯರು ಇಟ್ಟ ಹೆಸರು. ಆ ಅಂಗದಿಂದ ತೆಗೆದದ್ದು ಪ್ಯಾಂಕ್ರಿಯಾಟಿನ್. ಅದನ್ನು ತೆಗೆಯುವುದು ಹಂದಿಯಿಂದ. ಎದುರಿಗಿದ್ದದ್ದು ಉಳ್ಳಾಗಡ್ಡಿಯನ್ನೂ ಸೋಮವಾರ ಮುಟ್ಟದ ಮನೆ. ಕರಡಿಗೆಯನ್ನು ನೋಡಿದೆ, ಹುಡುಗಿಯ ಕಾಲು ನೋಡಿದೆ, ತೀರ್ಮಾನ ಮಾಡಿಬಿಟ್ಟೆ. ಕನ್ನಡದಲ್ಲಿ ಆ ಅಂಗಕ್ಕೆ ಮೇದೋಜೀರಕ ಅಂತಾರ್ರಿ ಆಯಿ, ಜಿಡ್ಡು ಜೀರ್ಣ ಮಾಡೋದು ಎಂದು ಅರ್ಥ ಎಂದೆ. ಸುಳ್ಳೇನೂ ಹೇಳಲಿಲ್ಲವಲ್ಲ ಎಂದು ನನ್ನ ಬೆನ್ನು ನಾನೇ ತಟ್ಟಿಕೊಂಡೆ. ಮಾತು ಬಲ್ಲವನಿಗೆ ಜಗಳವಿಲ್ಲ ಅನ್ನುತ್ತಾರೆ, ನಾನು ಮಾತು ಬಲ್ಲವಳು. ಹುಡುಗಿಗೆ ನುಂಗಲು ಬರುವುದಿಲ್ಲ, ಕ್ಯಾಪ್ಸೂಲ್ ಬಿಚ್ಚಿ ಒಳಗಿನ ಕಾಳುಗಳನ್ನು ಊಟದಲ್ಲಿ ಕಲಸಿ ಕೊಡಿ ಎಂದೂ ಹೇಳಿ ಕಳಿಸಿದೆ.

ಹದಿನಾಲ್ಕು ತಿಂಗಳು ಹೀಗೇ ನಡೆಯಿತು. ಆಯಿ ತಪ್ಪದೆ ಬರುವರು, ಡಬ್ಬಿ ಒಯ್ಯುವರು. ಹುಡುಗಿಗೆ ಮೈ ಹಿಡಿಯಲೇ ಇಲ್ಲ. ಹೈದರಾಬಾದಿನ ಡಾಕ್ಟರರು ಎರಡು ಸಲ ಪ್ರಮಾಣ ಹೆಚ್ಚಿಸಿದರು. ಆ ಚಳಿಗಾಲ ಕೆಮ್ಮು ಹತ್ತಿದ್ದು ಬಿಡಲಿಲ್ಲ. ಹುಡುಗಿ ಅಂಗಡಿಯ ಮೆಟ್ಟಿಲು ಹತ್ತಲೂ ಅಜ್ಜಿಯ ಸೆರಗು ಹಿಡಿಯುವಂತಾಯಿತು. ತೂಕ ಹೀಗೇ ಇಳಿದರೆ ಮುಂದಿನ ಚಳಿಗಾಲ ಕಷ್ಟ ಎಂದು ಡಾಕ್ಟರರು ಚೀಟಿಯ ಹಿಂದೆ ಇಂಗ್ಲಿಷಿನಲ್ಲಿ ಬರೆದಿದ್ದರು. ಅದನ್ನು ಓದಿದವಳು ನಾನು. ನನ್ನ ಸಿಟ್ಟು ನೆತ್ತಿಗೇರಿತು. ಔಷಧ ಸರಿಯಾಗಿಯೇ ಇದೆ, ನೀವೇ ಹೊತ್ತಿಗೆ ಸರಿಯಾಗಿ ಕೊಡುತ್ತಿಲ್ಲ ಎಂದು ಗಿರಾಕಿಗಳ ಎದುರೇ ಆಯಿಯನ್ನು ಬೈದೆ. ಅವರ ಮುಖ ಕೆಂಪಾಯಿತು. ಒಂದೇ ಒಂದು ತುತ್ತು ತಪ್ಪಿಸಿಲ್ಲ, ಬಂದು ಕಣ್ಣಾರೆ ನೋಡು ಎಂದರು.

ಮುಂದಿನ ರಜೆಯ ದಿನ ಬಸವಕಲ್ಯಾಣಕ್ಕೆ ಹೋದೆ. ಕಬ್ಬಿನ ಟ್ರ್ಯಾಕ್ಟರುಗಳ ಹಿಂದೆ ಬಸ್ಸು ತೆವಳಿತು, ರಾಜೇಶ್ವರದಲ್ಲಿ ಅರ್ಧ ಗಂಟೆ ನಿಂತಿತು. ತಪ್ಪು ಹಿಡಿಯಲು ಹೊರಟವಳಿಗೆ ದಾರಿ ದೂರ ಅನಿಸಲಿಲ್ಲ. ಮನೆ ಮುಟ್ಟಿದಾಗ ಊಟದ ಹೊತ್ತು. ಸೊಸೆ, ಅಂದರೆ ಹುಡುಗಿಯ ತಾಯಿ, ನನಗೆ ಮಣೆ ಹಾಕಿ ಚಹಾ ಕೊಟ್ಟಳು. ಆಯಿ ತಾಟಿನಲ್ಲಿ ಬೆಚ್ಚನೆಯ ಹಾಲನ್ನ ಕಲಸಿದರು. ಕ್ಯಾಪ್ಸೂಲ್ ಬಿಚ್ಚಿದರು. ಒಂದು ಕಾಳೂ ಚೆಲ್ಲದಂತೆ ಉದುರಿಸಿ ಮತ್ತೆ ಕಲಸಿದರು. ನೋಡಿದಿಯಾ ಎನ್ನುವಂತೆ ನನ್ನತ್ತ ತಿರುಗಿದರು. ನನಗೆ ನಾಚಿಕೆಯಾಯಿತು. ಆದರೆ ತಾಟು ಹುಡುಗಿಯ ಮುಂದೆ ಹೋಗಲಿಲ್ಲ.

ಆಯಿ ಕರಡಿಗೆಯಿಂದ ಲಿಂಗ ತೆಗೆದು ಎಡ ಅಂಗೈಯ ಮೇಲೆ ಇಟ್ಟುಕೊಂಡರು. ತಾಟನ್ನು ಅದರ ಮುಂದೆ ಸರಿಸಿ ಕಣ್ಣು ಮುಚ್ಚಿದರು. ಆ ಮನೆಯಲ್ಲಿ ಲಿಂಗಕ್ಕೆ ಅರ್ಪಿಸದೆ ಯಾರೂ ಏನನ್ನೂ ಬಾಯಿಗೆ ಇಡುವುದಿಲ್ಲ. ಅರ್ಪಿಸಿದ ಮೇಲೆ ಅದು ಅನ್ನವಲ್ಲ, ಪ್ರಸಾದ. ಈ ಕಡೆ ಬೆಳೆದ ನನಗೆ ಅದು ಹೊಸದೇನಲ್ಲ. ಹೊಸದೆಂದರೆ ಆ ತಾಟಿನಲ್ಲಿ ಏನಿದೆ ಎಂದು ನನಗೆ ಗೊತ್ತಿತ್ತು, ಅವರಿಗೆ ಗೊತ್ತಿರಲಿಲ್ಲ. ಪೂಜೆ ಅರ್ಧ ಗಂಟೆ ನಡೆಯಿತು. ಹುಡುಗಿ ಕೈಕಟ್ಟಿ ಕೂತಿದ್ದಳು. ನನ್ನ ಕೈಯಲ್ಲಿ ಚಹಾ ತಣ್ಣಗಾಯಿತು. ಆಯಿ ಕಣ್ಣು ತೆರೆಯುವ ಹೊತ್ತಿಗೆ ಕಾಳುಗಳು ಒಂದೂ ಕಾಣದಂತೆ ಹಾಲನ್ನದಲ್ಲಿ ಕರಗಿದ್ದವು. ಚಲೋ ಬೆರೆಯುತ್ತವೆ ಎಂದು ಅವರು ಹೆಮ್ಮೆಯಿಂದಲೇ ಹೇಳಿದರು.

ಹದಿನಾಲ್ಕು ತಿಂಗಳು ಔಷಧ ಸತ್ತದ್ದು ಎಲ್ಲಿ ಎಂದು ನನಗೆ ಆಗ ಹೊಳೆಯಿತು. ಆ ಕಾಳುಗಳ ಮೇಲೆ ಒಂದು ತೆಳು ಲೇಪ ಇರುತ್ತದೆ. ಹೊಟ್ಟೆಯ ಹುಳಿಯಲ್ಲಿ ಅದು ಗಟ್ಟಿಯಾಗಿ ನಿಂತು, ಮುಂದೆ ಕರುಳಿಗೆ ಹೋದ ಮೇಲೆ ಬಿಚ್ಚಿಕೊಳ್ಳಬೇಕು. ಹುಳಿಯಿಲ್ಲದ ಬೆಚ್ಚನೆಯ ಹಾಲಿನಲ್ಲಿ ಅರ್ಧ ಗಂಟೆ ನೆನೆದರೆ ತಾಟಿನಲ್ಲೇ ಬಿಚ್ಚಿಕೊಂಡು ವ್ಯರ್ಥ. ಊಟದಲ್ಲಿ ಕಲಸಿ ಎಂದು ಹೇಳಿದವಳು ನಾನು. ಯಾವ ಊಟ, ಎಷ್ಟು ಹೊತ್ತು ಎಂದು ಹೇಳದವಳೂ ನಾನೇ. ಊಟಕ್ಕೂ ತುತ್ತಿಗೂ ನಡುವೆ ಪೂಜೆಯೊಂದಿದೆ ಎಂಬುದು ಹೈದರಾಬಾದಿನ ಡಾಕ್ಟರರಿಗೆ ಗೊತ್ತಿರಲಿಕ್ಕಿಲ್ಲ, ನನಗೆ ಗೊತ್ತಿರಬೇಕಿತ್ತು.

ಹಾಲು ಬೇಡ, ಬಾಳೆಹಣ್ಣಿನ ಒಂದು ತುಂಡಿನಲ್ಲಿ ಹಾಕಿ ಮೊದಲ ತುತ್ತಿಗೇ, ಬಿಚ್ಚಿದ ತಕ್ಷಣ ಕೊಡಬೇಕು ಎಂದು ಆಯಿಗೆ ತಿಳಿಸಿ ಹೇಳಿದೆ. ಇಲ್ಲದಿದ್ದರೆ ಇದು ತಾಟಿನಲ್ಲೇ ಸತ್ತು ಹೋಗುತ್ತದೆ ಎಂದೆ. ಗುಣ ಕಳೆದುಕೊಂಡ ಔಷಧಕ್ಕೆ ಅಂಗಡಿಯಲ್ಲಿ ನಾವು ದಿನವೂ ಆಡುವ ಮಾತು ಅದು. ಆಯಿ ಅದನ್ನೇ ಹಿಡಿದರು.

"ಸಾಯ್ತದ ಅಂತೀಯಲ್ಲ ತಂಗಿ, ಸಾಯಾಕ ಅದರಾಗ ಜೀವ ಇತ್ತೇನು? ಯಾರ ಜೀವ ಅದು?"

ತಪ್ಪಿಸಿಕೊಳ್ಳಲು ದಾರಿಯಿತ್ತು. ಮುಚ್ಚಿದ ಕ್ಯಾಪ್ಸೂಲನ್ನೇ ಲಿಂಗಕ್ಕೆ ತೋರಿಸಿ ಆಮೇಲೆ ಬಿಚ್ಚಿ ಎಂದರೆ ಸಾಕಿತ್ತು. ಔಷಧವೂ ಉಳಿಯುತ್ತಿತ್ತು, ನನ್ನ ಮಾತೂ ಉಳಿಯುತ್ತಿತ್ತು. ಅದು ನಾಲಿಗೆಯ ತುದಿಗೇ ಬಂದಿತ್ತು. ಖರೆ ಹೇಳಿದರೆ ಈ ಮನೆಯಲ್ಲಿ ಔಷಧ ನಿಲ್ಲುತ್ತದೆ, ನಿಂತರೆ ಆ ಹುಡುಗಿ ಉಳಿಯುವುದಿಲ್ಲ. ಇಷ್ಟು ಲೆಕ್ಕ ನನಗೂ ಬರುತ್ತಿತ್ತು. ಆದರೆ ಅವರ ಅಂಗೈಯ ಮೇಲೆ ಲಿಂಗ ಇನ್ನೂ ಹಾಗೇ ಇತ್ತು. ನುಂಗಲೂ ಆಗದ ಉಗುಳಲೂ ಆಗದ ಬಿಸಿತುಪ್ಪ ಅದು. ಕೊನೆಗೆ ಉಗುಳಿದೆ. ಹೆಸರನ್ನು ಪೂರ್ತಿ ಬಿಡಿಸಿದೆ, ಮಾಂಸ ಎಂದೆ, ಹಂದಿ ಎಂದೆ, ಮೊದಲ ದಿನವೇ ಗೊತ್ತಿದ್ದೂ ಮುಚ್ಚಿಟ್ಟೆ ಎಂದೆ. ಇದಕ್ಕೆ ಬದಲಿ ಗಿಡಮೂಲಿಕೆ ಯಾವುದೂ ಇಲ್ಲ ಎಂದೂ ಹೇಳಿದೆ.

ಸೊಸೆ ಗೋಡೆಗೆ ಒರಗಿದಳು. ಆಯಿ ಬೈಯಲಿಲ್ಲ. ಲಿಂಗವನ್ನು ವಸ್ತ್ರದಲ್ಲಿ ಸುತ್ತಿ ಕರಡಿಗೆಯೊಳಗಿಟ್ಟು ಮುಚ್ಚಳ ಹಾಕಿದರು. ಆಮೇಲೆ ನನ್ನ ಮುಖ ನೋಡದೆ ಹೇಳಿದರು.

"ಇಷ್ಟು ದಿನ ನಾ ಲಿಂಗಕ್ಕ ಅರ್ಪಿಸಿದ್ದು ಗುಳಿಗಿ ಅಲ್ಲವ್ವ, ನಿನ್ನ ಮಾತು."

ತಾಟನ್ನೂ ಡಬ್ಬಿಯನ್ನೂ ಒಳಗಿಂದ ತೆಗೆದು ಹೊರಗೆ ಇಡು ಎಂದು ಸೊಸೆಗೆ ಹೇಳಿ ಎದ್ದು ಹೋದರು. ನಾನು ಮುಂದಿನ ಬಸ್ಸಿಗೆ ಊರಿಗೆ ಮರಳಿದೆ. ಒಂಬತ್ತು ದಿನ ನನ್ನ ಅಂಗಡಿಯಲ್ಲಿ ಯಾವ ಹೆಸರಿನ ಅರ್ಥವನ್ನೂ ಯಾರಿಗೂ ಹೇಳಲಿಲ್ಲ. ಗಿರಾಕಿಗಳು ಆರಾಮಿಲ್ಲೇನ್ರಿ ಎಂದು ಕೇಳಿದರು. ಅವರ ಮನೆಯಲ್ಲಿ ಫೋನ್ ಇರಲಿಲ್ಲ. ಇದ್ದಿದ್ದರೂ ಮಾಡುವ ಧೈರ್ಯ ನನಗೆ ಇರಲಿಲ್ಲ. ಒಂದು ಮಗುವಿನ ಜೀವಕ್ಕಿಂತ ನಿನ್ನ ಸತ್ಯ ದೊಡ್ಡದಾಯಿತೇ ಎಂದು ನನ್ನನ್ನು ನಾನೇ ಕೇಳಿಕೊಂಡೆ.

ಹತ್ತನೆಯ ದಿನ ಬೆಳಗಿನ ಬಸ್ಸಿಗೆ ಆಯಿ ಒಬ್ಬರೇ ಬಂದರು. ಖಾಲಿ ಡಬ್ಬಿ ಕೌಂಟರಿನ ಮೇಲಿಟ್ಟು ಇನ್ನೊಂದು ಕೊಡು ಎಂದರು. ನಾನು ಡಬ್ಬಿಯ ಮುಚ್ಚಳ ತೆಗೆದು ಒಳಗೆ ನೋಡಿದೆ. ಅವರೇ ಸ್ಟೂಲಿನ ಮೇಲೆ ಕೂತು ಹೇಳಿದರು. ಅಂದು ಸಂಜೆಯಿಂದಲೇ ಸೊಸೆ ಬಾಳೆಹಣ್ಣಿನಲ್ಲಿ ಔಷಧ ಹಾಕಿ ಕೊಡತೊಡಗಿದ್ದಳಂತೆ. ಅಡುಗೆಮನೆಯಲ್ಲಿ ಅಲ್ಲ, ಅಂಗಳದಲ್ಲಿ. ಲಿಂಗಕ್ಕೆ ಅರ್ಪಿಸದೆ ಇದ್ದದ್ದು ಒಳಗೆ ಬರಬಾರದೆಂದು ಹುಡುಗಿಯ ತಾಟು, ತಂಬಿಗೆ ಎಲ್ಲ ಅಂಗಳಕ್ಕೆ ಹೋದವು. ಮನೆಯವರೆಲ್ಲ ಒಳಗೆ ಉಂಡರೆ ಅವಳೊಬ್ಬಳೇ ಹೊರಗೆ. ಐದನೆಯ ದಿನಕ್ಕೆ ಮಲದ ಜಿಡ್ಡು ಕಡಿಮೆಯಾಯಿತು. ಏಳನೆಯ ದಿನ, ಹುಟ್ಟಿದಾಗಿನಿಂದ ಮೊದಲ ಸಲ, ಹುಡುಗಿ ಹೊಟ್ಟೆ ತುಂಬಿತು ಎಂದಳು. ಅದೇ ಉಸಿರಿನಲ್ಲಿ ಬಾಗಿಲೊಳಗೆ ಹಣಕಿ ಕೇಳಿದಳಂತೆ, ಆಯಿ, ನಾ ಏನ್ ತಪ್ಪ ಮಾಡೀನಿ ಅಂತ ಹೊರಗ ಕುಂಡರ್ಸೀರಿ?

ಇಷ್ಟು ಹೇಳಿ ಆಯಿ ಸೆರಗಿನಿಂದ ಮೂಗು ಒರೆಸಿಕೊಂಡರು. ನಾನು ಅಳುತ್ತಿದ್ದೆ. ಹಾಗಾದರೆ ಈಗ ಏನು ಮಾಡುತ್ತೀರಿ ಆಯಿ ಎಂದು ಕೇಳಿದೆ. ಇದನ್ನೂ ಕೇಳಬೇಕೇನು ಎನ್ನುವಂತೆ ನನ್ನನ್ನು ನೋಡಿದರು.

"ಲಿಂಗ ನನ್ನ ಕೊರಳಾಗ ಅದ, ಅಡಗಿಮನ್ಯಾಗ ಇಲ್ಲ. ನಾನೂ ಅಂಗಳಕ್ಕ ಹೋಗಿ ಕೂಸಿನ ಬಾಜೂಕ ಕುಂತು ಪೂಜಾ ಮಾಡಾಕತ್ತೇನಿ. ಹಂದಿದು ಅಂತ ಹೇಳೇ ಅರ್ಪಿಸಿ, ತಡಾ ಮಾಡದ ಅಕಿ ಬಾಯಾಗ ಇಡ್ತೀನಿ. ಸುಳ್ಳು ಅರ್ಪಿಸಿದ್ದು ಹದಿನಾಲ್ಕು ತಿಂಗಳು ನಡೀತು, ಖರೇ ಅರ್ಪಿಸಿದ್ರ ನಡಿಯಂಗಿಲ್ಲೇನು?"