ರಾಜ್ಮಾ ಎನ್ನಲಾರದ ದಲ್ಲಾಳಿ

ಮೊನ್ನೆ ಠಾಣೆಯ ನಮ್ಮ ಅಡುಗೆಮನೆಯಲ್ಲಿ ರಾಜ್ಮಾ ಪೊಟ್ಟಣದ ಮೂಲೆ ಕತ್ತರಿಸಿ ಕಾಳನ್ನು ಸ್ಟೀಲಿನ ತಟ್ಟೆಗೆ ಸುರಿದೆ. ಸುರಿದವಳು ಹಾಗೇ ನಿಂತುಬಿಟ್ಟೆ. ಒಣಕಾಳು ಲೋಹದ ಮೇಲೆ ಬೀಳುವ ಆ ಸದ್ದನ್ನು ಎಷ್ಟೋ ವರ್ಷಗಳಿಂದ ಕೇಳಿಯೇ ಇರಲಿಲ್ಲ ಅನ್ನಿಸಿತು. ದಿನವೂ ಅಡುಗೆ ಮಾಡುವವಳಿಗೆ ಅದು ಹೇಗೆ ಸಾಧ್ಯವೋ ತಿಳಿಯದು. ಬಹುಶಃ ಆ ಹೊತ್ತು ಮನೆಯಲ್ಲಿ ಯಾರೂ ಇರಲಿಲ್ಲ, ಟಿವಿ ಕೂಡ ಸುಮ್ಮನಿತ್ತು, ಅದಕ್ಕಿರಬೇಕು. ನಾನು ಬೆಳೆದ ಕೋಪರಖೈರಣೆಯ ಹಳೆಯ ಮನೆಯಲ್ಲಿ ಸಂಜೆಯಾಯಿತೆಂದು ನಮಗೆ ಗೊತ್ತಾಗುತ್ತಿದ್ದದ್ದೇ ಈ ಸದ್ದಿನಿಂದ. ಚಿಕ್ಕಪ್ಪ ಬಂದು, ಚಪ್ಪಲಿ ಬಿಟ್ಟು, ಕೈಕಾಲು ತೊಳೆದು, ಹೆಗಲಚೀಲದೊಳಗಿನ ಕಾಗದದ ಪೊಟ್ಟಣಗಳನ್ನು ಒಂದೊಂದಾಗಿ ಬಿಚ್ಚಿ ಕಿಟಕಿಯ ಬಳಿಯ ಅಗಲ ತಟ್ಟೆಗೆ ಸುರಿಯುತ್ತಿದ್ದ. ದಪ್ಪ ರಾಜ್ಮಾಕ್ಕೆ ಒಂದು ಸದ್ದು, ಅಲಸಂಡೆಗೆ ಇನ್ನೊಂದು, ಚಪ್ಪಟೆ ಅವರೆಗೆ ಮತ್ತೊಂದು. ಒಳಕೋಣೆಯಲ್ಲಿ ಹೋಮ್‌ವರ್ಕ್ ಮಾಡುತ್ತ ಕೂತ ನಾನು ತಲೆ ಎತ್ತದೆಯೇ ಇವತ್ತು ಯಾವ ಕಾಳು ಬಂತೆಂದು ಹೇಳುತ್ತಿದ್ದೆ.

ನನ್ನ ಚಿಕ್ಕಪ್ಪ ದಯಾನಂದ ವಾಶಿಯ ಧಾನ್ಯದ ಸಗಟು ಪೇಟೆಯಲ್ಲಿ ದಲ್ಲಾಳಿ. ಮಾಲು ಅವನದಲ್ಲ, ಹಡಗಿನಲ್ಲಿ ತರಿಸುವವನಿಗೂ ಅಂಗಡಿ ಹೋಟೆಲುಗಳಿಗೆ ಹಂಚುವವನಿಗೂ ನಡುವೆ ನಿಂತು ರೇಟು ಕೂಡಿಸುವುದಷ್ಟೇ ಅವನ ಕೆಲಸ. ಕಂಟೇನರು ತೆರೆದ ಕೂಡಲೇ ಮುಷ್ಟಿ ಮುಷ್ಟಿ ಸ್ಯಾಂಪಲ್ ಅವನ ಚೀಲಕ್ಕೆ ಬರುತ್ತಿತ್ತು. ಬರ್ಮಾದ ಅಲಸಂಡೆ, ಇಥಿಯೋಪಿಯಾದ ಕೆಂಪು ರಾಜ್ಮಾ, ಚೀನಾದಿಂದ ಬಂದ ಚುಕ್ಕೆಯ ರಾಜ್ಮಾ. ಭೂಪಟದಲ್ಲಿ ಈ ದೇಶಗಳನ್ನು ಹುಡುಕುವ ಮೊದಲೇ ನಾನು ಅವುಗಳನ್ನು ಉಂಡಿದ್ದೆ. ಯಾಕೆಂದರೆ ನೋಡಿ ಮುಗಿದ ಸ್ಯಾಂಪಲುಗಳನ್ನೆಲ್ಲ ಅಜ್ಜಿ ನೆನೆಹಾಕಿ, ಮರುದಿನ ಗಟ್ಟಿ ಕಾಳು ಮೊದಲು, ಮೆತ್ತನೆಯದು ಆಮೇಲೆ ಎಂದು ಲೆಕ್ಕ ಹಾಕಿ ಬೇಯಿಸಿ, ತೆಂಗಿನಕಾಯಿ ಅರೆದು ಒಂದೇ ಗಸಿ ಮಾಡುತ್ತಿದ್ದಳು. ಅದಕ್ಕವಳು ಇಟ್ಟ ಹೆಸರು 'ಹಡಗಿನ ಗಸಿ'. ಅಪ್ಪ ವಾಶಿಯ ಒಂದು ಉಡುಪಿ ಹೋಟೆಲಿನಲ್ಲಿ ಮ್ಯಾನೇಜರ್. ಅಷ್ಟು ತಿಂಡಿಗಳ ನಡುವೆ ದಿನ ಕಳೆದು ಬಂದವನು ಮನೆಯಲ್ಲಿ ಕೇಳುತ್ತಿದ್ದದ್ದು ಇದೊಂದನ್ನೇ. ಅಜ್ಜಿ, ಅಪ್ಪ, ಅಮ್ಮ, ಚಿಕ್ಕಪ್ಪ, ನಾನು, ಐದೂ ಜನ ನೆಲದ ಮೇಲೆ ಕೂತು ಉಣ್ಣುವಾಗ ಒಬ್ಬರ ಮೊಣಕಾಲು ಇನ್ನೊಬ್ಬರಿಗೆ ತಾಗುತ್ತಿತ್ತು, ಅಷ್ಟು ಸಣ್ಣ ಮನೆ. ನಿಮಗೂ ಅಂಥದೊಂದು ಮನೆ ಇದ್ದಿರಬಹುದು. ಆಗ ಇಕ್ಕಟ್ಟು ಅನ್ನಿಸಿದ್ದು ಈಗ ಏನನ್ನಿಸುತ್ತದೆ ಎಂಬುದನ್ನು ನಿಮಗೆ ಬಿಡಿಸಿ ಹೇಳಬೇಕಾಗಿಲ್ಲ.

ಚಿಕ್ಕಪ್ಪನಿಗೆ ಚಿಕ್ಕಂದಿನಿಂದಲೂ ಉಗ್ಗು. ಮಾತಿನ ಮೊದಲ ಅಕ್ಷರ ತುಟಿಯ ಹತ್ತಿರ ಬಂದು ನಿಂತುಬಿಡುತ್ತಿತ್ತು. ಅದರಲ್ಲೂ 'ರ'ದಿಂದ ಶುರುವಾಗುವ ಮಾತು ಅವನಿಗೆ ಸುಲಭಕ್ಕೆ ಬರುತ್ತಲೇ ಇರಲಿಲ್ಲ. ರಾಜ್ಮಾ ಮಾರುವವನಿಗೆ ರಾಜ್ಮಾ ಎನ್ನುವುದಕ್ಕೇ ಆಗುತ್ತಿರಲಿಲ್ಲ! 'ಲಾಲ್ ಮಾಲ್' ಎಂದು ಸಾಗಹಾಕುತ್ತಿದ್ದ. ಅವನು ಬಾಯಿ ತೆರೆದರೆ ನಾವು ಮನೆಯವರೆಲ್ಲ ಪ್ರೀತಿಯಿಂದಲೇ ಆ ಮಾತನ್ನು ಮುಗಿಸಿಕೊಡುತ್ತಿದ್ದೆವು. ಅವನು 'ನೀ...' ಎಂದರೆ ನಾನು ನೀರಿನ ಲೋಟ ತಂದಾಗಿರುತ್ತಿತ್ತು. ಅವನಿಗೆ ಬೇಕಿದ್ದದ್ದು ಒಮ್ಮೊಮ್ಮೆ ನೀಲಿ ಅಂಗಿಯಾಗಿರುತ್ತಿತ್ತು. ಆದರೂ ನಕ್ಕು ನೀರು ಕುಡಿಯುತ್ತಿದ್ದ.

ಇಂಥವನು ದಲ್ಲಾಳಿಯಾದದ್ದು ಹೇಗೆಂದು ನನಗೆ ಅರ್ಥವಾದದ್ದು ಶಾಲೆಗೆ ರಜೆಯಿದ್ದ ಒಂದು ದಿನ. ಅಪ್ಪ ಹೋಟೆಲಿನ ಸಾಮಾನಿಗೆಂದು ಪೇಟೆಗೆ ಹೊರಟವನು ನನ್ನನ್ನೂ ಕರೆದೊಯ್ದಿದ್ದ. ಗೋಣಿಯ, ಧೂಳಿನ, ಒಣಕಾಳಿನ ವಾಸನೆ ಒಟ್ಟಾಗಿ ಗಂಟಲಿಗೆ ಹತ್ತುವ ಆ ಗಾಲೆಯಲ್ಲಿ, ಅಂದರೆ ಗೋದಾಮಿನಂಥ ಉದ್ದನೆಯ ಅಂಗಡಿಯಲ್ಲಿ, ಬಿಳಿ ಬಟ್ಟೆಯ ಮುದುಕ ಸೇಠಜೀ ಒಬ್ಬರ ಎದುರು ಚಿಕ್ಕಪ್ಪ ಕೂತಿದ್ದ. ಇಬ್ಬರ ಕೈಯ ಮೇಲೂ ಒಂದು ಟವಲು. ಅಕ್ಕಪಕ್ಕದವರಿಗೆ ರೇಟು ತಿಳಿಯಬಾರದೆಂದು ಹಳೆಯ ವ್ಯಾಪಾರಿಗಳು ಕೆಲವರು ಆಗಲೂ ಹಾಗೆ ಬಟ್ಟೆಯ ಕೆಳಗೆ ಬೆರಳು ಒತ್ತಿಯೇ ಚೌಕಾಸಿ ಮಾಡುತ್ತಿದ್ದರು. ಸೇಠಜೀ ಫ್ಯಾನು ನೋಡುತ್ತಿದ್ದರು, ಚಿಕ್ಕಪ್ಪ ರಸ್ತೆ ನೋಡುತ್ತಿದ್ದ, ಟವಲು ಮಾತ್ರ ಅಲುಗಾಡುತ್ತಿತ್ತು. ಚಿಕ್ಕಪ್ಪನ ಮುಖದಲ್ಲಿ ಮನೆಯಲ್ಲಿ ನಾನೆಂದೂ ಕಾಣದ ಒಂದು ನಿರಾಳವಿತ್ತು, ಒಳಗೊಳಗೇ ಹಾಡು ಗುನುಗುವವನ ಹಾಗೆ. ಕೊನೆಗೆ ಸೇಠಜೀ ಗಹಗಹಿಸಿ ನಕ್ಕು ಟವಲು ತೆಗೆದರು. "ಯೇ ಮೌನಿ ಕೀ ಉಂಗಲಿಯಾಂ ಬಹುತ್ ಬೋಲತೀ ಹೈ," ಎಂದರು ಅಪ್ಪನಿಗೆ. ಪೇಟೆಯಲ್ಲಿ ಚಿಕ್ಕಪ್ಪನ ಹೆಸರೇ ಮೌನಿ. ಬೆರಳಿನಲ್ಲಿ ಅವನಷ್ಟು ಚುರುಕಾಗಿ ಮಾತಾಡುವವರು ಅಲ್ಲಿ ಯಾರೂ ಇರಲಿಲ್ಲ.

ಆಮೇಲೆ ಮೊಬೈಲ್ ಬಂತು. ನೋಡನೋಡುತ್ತ ಸೇಠಜೀಯಂಥವರು ಹಿಂದೆ ಸರಿದು ಮಕ್ಕಳು ಗದ್ದಿಗೆ ಬಂದರು. ಅವರು ಗಾಲೆಗೆ ಬರುತ್ತಿದ್ದದ್ದೇ ಅಪರೂಪ. ಸ್ಯಾಂಪಲ್ ಮನೆಗೇ ತರಿಸಿಕೊಂಡು, ಕಾರಿನಲ್ಲಿ ಹೋಗುತ್ತಲೇ ನಾಲ್ಕು ದಲ್ಲಾಳಿಗಳಿಗೆ ಫೋನು ಮಾಡಿ, ಮೊದಲು ಒಳ್ಳೆಯ ರೇಟು ಹೇಳಿದವನ ಜೊತೆ ವ್ಯಾಪಾರ ಮುಗಿಸುತ್ತಿದ್ದರು. ಚಿಕ್ಕಪ್ಪನೂ ಒಂದು ಮೊಬೈಲ್ ಕೊಂಡ. ಅದು ಹೊಡೆದುಕೊಂಡಾಗ ಕಿವಿಗೆ ಹಿಡಿಯುತ್ತಿದ್ದ, ಅಕ್ಷರ ತುಟಿಯಲ್ಲಿ ನಿಲ್ಲುತ್ತಿತ್ತು, ಆ ಕಡೆಯವರು "ಹಲೋ, ಹಲೋ? ನೆಟ್‌ವರ್ಕ್ ನಹೀ ಹೈ" ಎಂದು ಇಟ್ಟುಬಿಡುತ್ತಿದ್ದರು. ಪಾಪ, ಅವರಿಗೆ ಬೇಕೆಂದು ಅವಮಾನಿಸುವ ಮನಸ್ಸೇನೂ ಇರಲಿಲ್ಲ. ಲೈನು ಸರಿಯಿಲ್ಲವೆಂದೇ ನಂಬಿರುತ್ತಿದ್ದರು. ಒಂದು ಮುಂಜಾನೆ ಹಿತ್ತಿಲ ಬಾಗಿಲ ಬಳಿ ಅವನು ಗೋಡೆಗೆ ಮುಖಮಾಡಿ "ರಾ... ರಾ..." ಎನ್ನುತ್ತಿದ್ದುದು ಕೇಳಿಸಿತು. ಬಚ್ಚಲಿಗೆ ಹೊರಟಿದ್ದ ನಾನು ಸದ್ದು ಮಾಡದೆ ಹಿಂದೆ ಬಂದೆ. ಚೀಲದಲ್ಲಿ ಪೊಟ್ಟಣಗಳು ಕಡಿಮೆಯಾದವು. ಅಜ್ಜಿಯ ಗಸಿಯಲ್ಲಿ ಒಂದೇ ಬಗೆಯ ಕಾಳು ಕಾಣತೊಡಗಿತು. ಅಪ್ಪ ಒಂದು ಸಲ, "ಹೋಟೆಲಿನ ಸ್ಟೋರು ನೋಡಿಕೊಳ್ಳಲಿಕ್ಕೆ ಒಬ್ಬರು ಬೇಕು ದಯಾ, ಯೋಚನೆ ಮಾಡು," ಎಂದ. ನಮ್ಮ ಮನೆಯ ಮಾತೆಲ್ಲ ತುಳುವಿನಲ್ಲಿ; ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ ಅಷ್ಟೆ. ಚಿಕ್ಕಪ್ಪ ತಲೆಯಾಡಿಸಿದ. ಹೂಂ ಎಂದೋ ಊಹೂಂ ಎಂದೋ ನಮಗೆ ತಿಳಿಯಲಿಲ್ಲ.

ಪೇಟೆಯ ತುದಿಯಲ್ಲಿ ಲಾರಿ ಬುಕ್ ಮಾಡುವ ಒಂದು ಸಣ್ಣ ಆಫೀಸಿತ್ತು. ಅಲ್ಲಿ ಫೋನಿಗೆ ಕೂರುತ್ತಿದ್ದವಳು ಸುವರ್ಣಾ. ನಿಪ್ಪಾಣಿ ಕಡೆಯವಳು, ತಾಯಿಯ ಜೊತೆ ಠಾಣೆ ಸ್ಟೇಷನ್ ಪಕ್ಕದ ಕೋಪರಿಯಲ್ಲಿದ್ದಳು. ಡ್ರೈವರುಗಳ ಜೊತೆ ದಿನವಿಡೀ ಕೂಗಿ ಮಾತಾಡುವುದೇ ಅವಳ ಕೆಲಸ. ಮಾರಾಟವಾದ ಮಾಲಿಗೆ ಲಾರಿ ಕೇಳಲು ಚಿಕ್ಕಪ್ಪ ಅಲ್ಲಿಗೆ ಹೋಗುತ್ತಿದ್ದ. ಎಲ್ಲರೂ ಅವನ ಮಾತು ಮುಗಿಸಿಕೊಡುತ್ತಿದ್ದರೆ ಸುವರ್ಣಾ ಪೆನ್ನು ಹಿಡಿದು ಕಾಯುತ್ತಿದ್ದಳಂತೆ. ಇದನ್ನು ಅವಳೇ ಆಮೇಲೆ ಎಷ್ಟೋ ಸಲ ನನಗೆ ಹೇಳಿದ್ದಾಳೆ. "ರತ್ನಾಗಿರಿ ಅನ್ನಾಕ ನಿನ್ನ ಕಾಕಾಗ ಭಾಳ ಹೊತ್ತು ಬೇಕಾಗತಿತ್ತು. ನನಗ ಆ ಹೊತ್ತಿನ್ಯಾಗ ಅಷ್ಟ ಆರಾಮ ಸಿಗತಿತ್ತು ನೋಡು, ಯಾರರೆ ಒಬ್ರು ಒದರದ ನಿಂತಾರಲ್ಲ ಅಂತ."

ಒಂದು ಮಧ್ಯಾಹ್ನ ಅವನು ಅಲ್ಲಿ ನಿಂತಿದ್ದಾಗಲೇ ಮೊಬೈಲ್ ಹೊಡೆದುಕೊಂಡಿತು. ಸೇಠಜೀಯ ಮಗ. ಹೊಸ ಹಡಗಿನ ಕೆಂಪು ರಾಜ್ಮಾದ ರೇಟು ಬೇಕಂತೆ. ಚಿಕ್ಕಪ್ಪನ ಅಕ್ಷರ ತುಟಿಯಲ್ಲೇ ನಿಂತಿತು, ಆ ಕಡೆಯಿಂದ ಹಲೋ ಹಲೋ ಶುರುವಾಯಿತು. ಸುವರ್ಣಾ ಕೌಂಟರಿನಿಂದಾಚೆ ಕೈ ಚಾಚಿದಳು. "ಕೊಡ್ರಿ ಇಲ್ಲೆ." ಫೋನು ತೆಗೆದುಕೊಂಡವಳೇ ಗಟ್ಟಿ ದನಿಯಲ್ಲಿ, "ದಯಾನಂದ್ ಭಾಯ್ ಕೇ ಆಫೀಸ್ ಸೇ ಬೋಲ್ ರಹೀ ಹೂಂ, ಬೋಲಿಯೇ," ಎಂದಳು. ಚಿಕ್ಕಪ್ಪ ಬೆರಳೆತ್ತಿ ತೋರಿಸಿದ, ಅವಳು ಹೇಳಿದಳು. ಆ ಕಡೆಯವನು ಎಳೆದಾಡಿದ, ಚಿಕ್ಕಪ್ಪ ಒಂದು ಬೆರಳು ಮಡಚಿದ, ಅವಳು ಅದನ್ನೂ ಹೇಳಿದಳು. ವ್ಯಾಪಾರ ಕುದುರಿತು. ಸಂಜೆಯ ಹೊತ್ತಿಗೆ ಮೌನಿ ಆಫೀಸು ತೆರೆದಿದ್ದಾನೆ, ಹುಡುಗಿಯನ್ನು ಇಟ್ಟಿದ್ದಾನೆ ಎಂದು ಪೇಟೆಯಲ್ಲೆಲ್ಲ ಸುದ್ದಿ.

ಅಲ್ಲಿಂದ ಮುಂದೆ ಅವಳ ಊಟದ ಬಿಡುವಿನಲ್ಲಿ ಚಿಕ್ಕಪ್ಪನ ಫೋನುಗಳೆಲ್ಲ ಆ ಕೌಂಟರಿನಿಂದಲೇ ಹೋಗತೊಡಗಿದವು. ಎದುರಿಗೆ ಬೇರೆ ದಲ್ಲಾಳಿಗಳು ನಿಂತಿರುತ್ತಿದ್ದುದರಿಂದ ಬೆರಳು ಎತ್ತಿ ತೋರಿಸುವಂತಿರಲಿಲ್ಲ. ಹಾಗಾಗಿ ಅವನು ಅವಳಿಗೆ ಟವಲಿನ ಕೆಳಗಿನ ಭಾಷೆ ಕಲಿಸಿದ. ಯಾವ ಬೆರಳು ಹಿಡಿದರೆ ಎಷ್ಟು, ಅಂಗೈ ಗೀರಿದರೆ ಎಷ್ಟು ಎಂದು. ಹಾಡುಹಗಲಿನಲ್ಲಿ ಒಬ್ಬ ಹೆಣ್ಣುಮಗಳು ಗಂಡಸಿನ ಕೈ ಹಿಡಿದು ಟವಲು ಹೊದಿಸಿ ಕೂತರೆ ಪೇಟೆ ಸುಮ್ಮನಿರುತ್ತದೆಯೇ? ಯಾರೋ ಅಪ್ಪನ ಹೋಟೆಲಿಗೆ ಬಂದು, ಕಾಫಿ ಕುಡಿದು, ಹಲ್ಲು ಕಿರಿಯುತ್ತ ಇದನ್ನು ಹೇಳಿಹೋದರು.

ಆ ಸಂಜೆ ಮನೆಯಲ್ಲಿ ಪಂಚಾಯಿತಿ. ಅಜ್ಜಿ ಗೋಡೆಗೊರಗಿ ಕೂತಿದ್ದಳು. "ಅವರ ಕನ್ನಡವೇ ಬೇರೆ, ನನಗೆ ಒಂದು ಅಕ್ಷರ ಅರ್ಥ ಆಗುವುದಿಲ್ಲ," ಎಂದಳು. ಅವಳಿಗಿದ್ದದ್ದು ಜಾತಿಯ ಚಿಂತೆ. ಅದನ್ನು ಬಾಯಿಬಿಟ್ಟು ಹೇಳಲಾರದೆ ಭಾಷೆಯ ಮೇಲೆ ಹಾಕಿದಳು. ಅಪ್ಪ ತಮ್ಮನ ಎದುರು ಕೂತು ಮೆಲ್ಲಗೆ ಕೇಳಿದ: "ಎಂತ ದಯಾ ಇದು? ಜನ ಏನೇನೋ ಮಾತಾಡ್ತಾರೆ."

ಚಿಕ್ಕಪ್ಪ ಬಾಯಿ ತೆರೆದ. "ಮ... ಮ..."

"ಮಾತಾಡುವವರು ಮಾತಾಡಲಿ ಅಂತಲಾ?" ಎಂದ ಅಪ್ಪ.

"ಮರೆತುಬಿಡ್ತೇನೆ ಅಂತ ಇರಬೇಕು," ಎಂದಳು ಅಜ್ಜಿ, ಆಸೆಯಿಂದ.

"ಮನೆಗೆ ಕರೆದುಕೊಂಡು ಬರಲಾ ಅಂತಲಾ?" ಎಂದಳು ಅಮ್ಮ.

ಚಿಕ್ಕಪ್ಪ ಎರಡೂ ಕೈ ಎತ್ತಿ ಎಲ್ಲರನ್ನೂ ತಡೆದ. ಅವನು ಹಾಗೆ ಮಾಡಿದ್ದನ್ನು ನಾವು ಅದೇ ಮೊದಲು ನೋಡಿದ್ದು. ಉಸಿರೆಳೆದುಕೊಂಡ. ನಾವು ಕಾದೆವು. ಪಕ್ಕದ ಮನೆಯ ಕುಕ್ಕರು ಕೂಗಿ ಸುಮ್ಮನಾಯಿತು. "ಮ... ಮದುವೆ ಆಗ್ತೇನೆ," ಎಂದ. ಮತ್ತೆ ಉಸಿರೆಳೆದು, "ಅವಳ ಹತ್ತಿರ ಇನ್ನೂ ಕೇಳಲಿಲ್ಲ," ಎಂದ.

ಮೊದಲು ನಕ್ಕವಳು ಅಮ್ಮ. ಅವಳನ್ನು ತಡೆಯಲು ಹೋದ ಅಪ್ಪನಿಗೂ ನಗು ಬಂತು. ಅಜ್ಜಿ ಸೆರಗಿನಲ್ಲಿ ಮುಖ ಮುಚ್ಚಿಕೊಂಡಳು. ನಗುತ್ತಿದ್ದಳೋ ಅಳುತ್ತಿದ್ದಳೋ, ಎರಡೂ ಇದ್ದಿರಬಹುದು.

ಮುಂದಿನ ಭಾನುವಾರ ಐವರೂ ಕೋಪರಿಗೆ, ಸುವರ್ಣಾಳ ಮನೆಗೆ ಹೋದೆವು. ರೈಲು ಹೋದಾಗಲೆಲ್ಲ ಕಿಟಕಿ ಗಡಗಡ ಅನ್ನುವ ಒಂದೂವರೆ ಕೋಣೆಯ ಮನೆ. ಸುವರ್ಣಾಳ ತಾಯಿ "ಬರ್ರಿ, ಒಳಗ ಬರ್ರಿ," ಎಂದು ಚಾಪೆ ಹಾಸಿ, ರೊಟ್ಟಿಯ ಜೊತೆ ಮೊಳಕೆ ಬಂದ ಮಡಿಕೆ ಕಾಳಿನ ಪಲ್ಯ ಬಡಿಸಿದರು. ಕಾಳಿನ ಪ್ರಪಂಚವನ್ನೇ ಉಂಡ ಅಜ್ಜಿಗೆ ಇದೊಂದು ಗೊತ್ತಿರಲಿಲ್ಲ. ಬೆರಳಲ್ಲಿ ಎತ್ತಿ ಎತ್ತಿ ನೋಡಿದಳು. "ಇದು ಯಾವ ಹಡಗಿನದ್ದು?" ಎಂದು ಚಿಕ್ಕಪ್ಪನನ್ನು ಕೇಳಿದಳು. ಸುವರ್ಣಾಳ ತಾಯಿಗೆ ತುಳು ಬರದು, ಆದರೂ ಪ್ರಶ್ನೆ ಹೇಗೋ ತಿಳಿದು, "ನಮ್ಮ ಹೊಲದ್ದು ರೀ, ತಮ್ಮ ಕಳಸ್ಯಾನ," ಎಂದರು. ಅಜ್ಜಿಗೂ ಅದು ಹೇಗೋ ಅರ್ಥವಾಯಿತು. ಇನ್ನೊಂದು ಸಲ ಬಡಿಸಿಕೊಂಡಳು.

ಊಟವಾದ ಮೇಲೆ ದೊಡ್ಡವರು ಮಾತು ಹೇಗೆ ಎತ್ತುವುದೆಂದು ಒಬ್ಬರ ಮುಖ ಒಬ್ಬರು ನೋಡುತ್ತಿದ್ದಾಗ ಚಿಕ್ಕಪ್ಪನೇ ಎದ್ದು ನಿಂತ. ನೀರಿನ ತಂಬಿಗೆ ಹಿಡಿದು ಬಾಗಿಲಲ್ಲಿ ನಿಂತಿದ್ದ ಸುವರ್ಣಾಳ ಕಡೆ ತಿರುಗಿದ. "ನ... ನನ್ನ..." ಎಂದ. ಅಲ್ಲಿಗೇ ನಿಂತಿತು. ಎಲ್ಲರಿಗೂ ಗೊತ್ತಿದ್ದ ಮಾತು, ಅಪ್ಪನಿಗೆ ತಡೆಯಲಾಗಲಿಲ್ಲ. "ಅವನು ಕೇಳುವುದು ಎಂತ ಅಂದರೆ..." ಎಂದು ಶುರುಮಾಡಿದ.

"ಅಣ್ಣಾರ, ನೀವು ಸುಮ್ಮಕಿರ್ರಿ," ಎಂದಳು ಸುವರ್ಣಾ. ಅಷ್ಟು ದೊಡ್ಡ ದನಿಯವಳು ಮೆಲ್ಲಗೆ ಹೇಳಿದಳು. ಆಮೇಲೆ ಚಿಕ್ಕಪ್ಪನಿಗೆ, "ನೀವು ಪೂರಾ ಹೇಳ್ರಿ. ನನಗೇನ ಅವಸರಿಲ್ಲ."

ಒಂದು ಲೋಕಲ್ ರೈಲು ಬಂತು, ಕಿಟಕಿ ನಡುಗಿತು, ಲೋಕಲ್ ಹೋಯಿತು. ಚಿಕ್ಕಪ್ಪ ಹೇಳಿ ಮುಗಿಸಿದ. ಅದು ಅವನ ಬದುಕಿನ ಅತಿ ಉದ್ದದ ಮಾತಿರಬೇಕು. ಅವಳು ಕೊನೆಯ ಅಕ್ಷರದ ತನಕ ಕಾದು, ಆಮೇಲೆ "ಹೂಂ ರೀ" ಎಂದಳು.

ಮದುವೆಯಾಗಿ ಬಂದ ಚಿಕ್ಕಮ್ಮ ಲಾರಿ ಆಫೀಸು ಬಿಟ್ಟು, ಚಿಕ್ಕಪ್ಪನ ಜೊತೆ ನಿಜವಾಗಿಯೇ ಒಂದು ಆಫೀಸು ತೆರೆದಳು. ಕಣ್ಣು, ಬೆರಳು ಅವನವು; ದನಿ ಅವಳದು. ಚೀಲ ಮತ್ತೆ ತುಂಬಿತು, ಗಸಿಗೆ ಮತ್ತೆ ನಾನಾ ದೇಶದ ಕಾಳು ಬಂತು. ಐವರಿಗೇ ಇಕ್ಕಟ್ಟಾಗಿದ್ದ ಆ ನೆಲದಲ್ಲಿ ಆರು ಜನ ಉಂಡೆವು. ಅಜ್ಜಿ ಮತ್ತು ಚಿಕ್ಕಮ್ಮ ಒಬ್ಬರ ಭಾಷೆ ಇನ್ನೊಬ್ಬರಿಗೆ ಅರ್ಥವಾಗುವುದಿಲ್ಲವೆಂದು ಸಾರುತ್ತಲೇ ಮಧ್ಯಾಹ್ನವೆಲ್ಲ ಕಾಳು ಆರಿಸುತ್ತ ಹರಟುತ್ತಿದ್ದರು. ನಾನು ಬೆಳೆದೆ, ಕಾಲೇಜಿಗೆ ಹೋದೆ. ಆ ವರ್ಷಗಳಲ್ಲಿ ಹೇಳಿಕೊಳ್ಳುವಂಥದ್ದೇನೂ ನಡೆಯಲಿಲ್ಲ. ಸುಖವಾಗಿದ್ದೆವು ಅನ್ನುವುದಕ್ಕೆ ನನ್ನ ಬಳಿ ಬೇರೆ ಸಾಕ್ಷಿ ಇಲ್ಲ.

ಅಜ್ಜಿ ಒಂದು ಚಳಿಗಾಲದಲ್ಲಿ ಹೆಚ್ಚು ಕಷ್ಟಪಡದೆ ಹೋದಳು. ಅಕ್ಕಪಕ್ಕದ ಮನೆಗಳನ್ನೂ ಸೇರಿಸಿ ಹೊಸ ಕಟ್ಟಡ ಕಟ್ಟುತ್ತೇವೆಂದು ಬಿಲ್ಡರು ಬಂದಾಗ ಅಪ್ಪ ಒಪ್ಪಿದ. ಅಷ್ಟರಲ್ಲಿ ನಾನು ಠಾಣೆಗೆ ಬಂದು ನೆಲೆಸಿದ್ದೆ; ಅವನೂ ಅಮ್ಮನೂ ನನ್ನ ಹತ್ತಿರ ಬಂದರು. ಚಿಕ್ಕಪ್ಪ ಚಿಕ್ಕಮ್ಮ ಡೊಂಬಿವಲಿಯಲ್ಲಿ ಮನೆ ಮಾಡಿದರು. ಸಾಮಾನೆಲ್ಲ ಟೆಂಪೋಗೆ ಏರಿದ ದಿನ ಬರಿಯ ಕೋಣೆಯಲ್ಲಿ ಇನ್ನೊಂದು ಸಲ ನೆಲದ ಮೇಲೆ ಕೂತೆವು. ಪರದೆಯಿಲ್ಲದ ಕಿಟಕಿಯಿಂದ ಬಿಸಿಲು ಧಾರಾಳವಾಗಿ ಒಳಗೆ ಬಂದಿತ್ತು. ಈ ಮನೆಗೆ ಇಷ್ಟು ಬೆಳಕಿತ್ತೇ ಎಂದು ಅಮ್ಮ ಆಶ್ಚರ್ಯಪಟ್ಟಳು. ಚಿಕ್ಕಪ್ಪ ಹೋದದ್ದು ಅದಾಗಿ ಕೆಲವು ವರ್ಷಗಳ ಮೇಲೆ, ನಿದ್ದೆಯಲ್ಲಿ.

ಕಳೆದ ತಿಂಗಳು ಚಿಕ್ಕಮ್ಮನೂ ನಾನೂ ಒಂದು ಮದುವೆಗೆಂದು ಕೋಪರಖೈರಣೆಗೆ ಹೋಗಿದ್ದೆವು. ದಾರಿಯಲ್ಲಿ ಹಳೆಯ ಗಲ್ಲಿಗೆ ತಿರುಗಿದೆವು. ನಮ್ಮ ಮನೆಯಿದ್ದ ಜಾಗದಲ್ಲಿ ಈಗ ಕಟ್ಟಡದ ಕಾರುಗಳು ನಿಲ್ಲುತ್ತವೆ. ವಾಚ್‌ಮನ್ ಯಾರು ಬೇಕೆಂದು ಕೇಳಿದ. ಯಾರೂ ಬೇಡ, ಸುಮ್ಮನೆ ನೋಡಲು ಬಂದೆವು ಎಂದಳು ಚಿಕ್ಕಮ್ಮ. ಅವನು ಒಳಗಿನಿಂದ ಕುರ್ಚಿ ತಂದು ನೆರಳಿಗೆ ಹಾಕಿದ. ಅವಳು ಸೀರೆಯ ನೆರಿಗೆ ಸರಿಮಾಡಿಕೊಂಡು ಕೂತಳು, ತನ್ನದೇ ಮನೆಯ ಅಂಗಳದಲ್ಲಿ ಕೂತವಳ ಹಾಗೆ. ಮದುವೆಗೆ ತಡವಾಗುತ್ತದೆಂದು ನಾನೂ ಹೇಳಲಿಲ್ಲ, ಅವಳೂ ಹೇಳಲಿಲ್ಲ.